ಬಿಟ್ಟಿದೇವನ ‘ಬಿಟ್ಟಿ’ ಮತ್ತು ಬಿಟ್ಟಿ ಚಾಕರಿಯ ‘ಬಿಟ್ಟಿ’

ಬಲ್ಲವರೆಲ್ಲರಿಗೂ ನಮಸ್ಕಾರ.

ಕಳೆದ ತಿಂಗಳು ತಂಗಿಯ ಮಗಳನ್ನು ಬೇಲೂರಿಗೆ ಕರೆದುಕೊಂಡು ಹೋಗಿದ್ದೆ. ಏಳನೆಯ ತರಗತಿಯ ಹುಡುಗಿ. ಚೆನ್ನಕೇಶವನ ಗುಡಿಯ ಜಗತಿಯ ಮೇಲೆ ನಿಂತು, ಇದನ್ನು 1117ರಲ್ಲಿ ವಿಷ್ಣುವರ್ಧನ ಪ್ರತಿಷ್ಠೆ ಮಾಡಿಸಿದ, ಅವನಿಗೆ ಬಿಟ್ಟಿದೇವ ಎಂದೂ ಹೆಸರಿತ್ತು ಎಂದು ಹೇಳುತ್ತಿದ್ದೆ. ಅವಳು ತಟ್ಟನೆ ಕೇಳಿದಳು: “ದೊಡ್ಡಮ್ಮ, ಅಷ್ಟು ದೊಡ್ಡ ರಾಜನಿಗೆ ಬಿಟ್ಟಿ ಎಂದು ಏಕೆ ಹೆಸರಿಟ್ಟರು? ಕೂಲಿ ಕೊಡದೆ ಗುಡಿ ಕಟ್ಟಿಸಿದನೇ?” ಪಕ್ಕದಲ್ಲಿದ್ದ ಹಿರಿಯರೊಬ್ಬರು ನನಗಿಂತ ಮೊದಲೇ ಉತ್ತರ ಕೊಟ್ಟರು: “ದೇವರಿಗೆ ಬಿಟ್ಟ ಮಗು, ಅದಕ್ಕೇ ಬಿಟ್ಟಿ.” ಹುಡುಗಿ ಒಪ್ಪಿಕೊಂಡಳು. ನನಗೆ ಮಾತ್ರ ಅಂದಿನಿಂದ ಸಮಾಧಾನವಿಲ್ಲ. ಹೆಸರಿನ ಬಿಟ್ಟಿ, ಚಾಕರಿಯ ಬಿಟ್ಟಿ, ‘ಬಿಡು’ ಧಾತುವಿನ ಬಿಟ್ಟು, ಈ ಮೂರಕ್ಕೂ ಹುಟ್ಟಿನ ನಂಟು ಇಲ್ಲವೇ ಇಲ್ಲ. ಕಿವಿಗೆ ಒಂದೇ ಆಗಿ ಕೇಳುತ್ತವೆ, ಅಷ್ಟೆ.

ಮೊದಲು ಹೆಸರು. ‘ವಿಷ್ಣು’ ಕನ್ನಡದ ಬಾಯಿಗೆ ಬಂದಾಗ ಬಿಟ್ಟು, ಬಿಟ್ಟಿ ಎಂದಾಗುತ್ತದೆ. ಪದದ ಮೊದಲಿನ ವಕಾರ ಬಕಾರವಾಗುವುದಕ್ಕೆ ವರ್ಣ–ಬಣ್ಣ, ವನ–ಬನ, ವೀಥಿ–ಬೀದಿ, ವೃಷಭ–ಬಸವ ಎಂದು ಎಷ್ಟು ಬೇಕಾದರೂ ಸಾಕ್ಷಿ ಕೊಡಬಹುದು. ‘ಷ್ಣ’ ಎಂಬ ಒತ್ತಕ್ಷರ ‘ಟ್ಟ’ ಆಗುವುದಕ್ಕೆ ದೂರ ಹೋಗಬೇಕಾಗಿಲ್ಲ, ಕೃಷ್ಣನೆಂಬ ಹುಡುಗನನ್ನು ಮನೆಯಲ್ಲಿ ಕಿಟ್ಟ ಎಂದೇ ಕರೆಯುತ್ತೇವಲ್ಲ! ಹೊಯ್ಸಳರ ಕಾಲದವನೇ ಆದ ಕೇಶಿರಾಜ 1260ರ ಸುಮಾರಿಗೆ ರಚಿಸಿದ ‘ಶಬ್ದಮಣಿದರ್ಪಣ’ದಲ್ಲಿ ಇಂತಹ ಮಾರ್ಪಾಟುಗಳಿಗಾಗಿ ‘ಅಪಭ್ರಂಶ ಪ್ರಕರಣ’ ಎಂಬ ಒಂದು ಭಾಗವನ್ನೇ ಮೀಸಲಿಟ್ಟಿದ್ದಾನೆ. ಬ್ರಹ್ಮ ಬೊಮ್ಮನಾದದ್ದು, ಯಕ್ಷ ಜಕ್ಕನಾದದ್ದು, ಸಿಂಹ ಸಿಂಗವಾದದ್ದು ಎಲ್ಲವೂ ಈ ಬಗೆಯವೇ. ಬೊಮ್ಮಕ್ಕ, ಜಕ್ಕಣ್ಣ, ಲಕ್ಕವ್ವ ಎಂಬ ಹೆಸರುಗಳನ್ನು ‘ಅರ್ಥವಿಲ್ಲದ ಹಳ್ಳಿ ಹೆಸರು’ ಎಂದು ಪಕ್ಕಕ್ಕೆ ತಳ್ಳುವವರನ್ನು ಕಂಡರೆ ನನಗೆ ನೋವಾಗುತ್ತದೆ. ಅರ್ಥ ಎಲ್ಲಿಗೂ ಹೋಗಿಲ್ಲ, ಕನ್ನಡದ ಉಡುಪಿನಲ್ಲಿದೆ.

ಹೀಗಾಗಿ ಬಿಟ್ಟಿದೇವ ಮತ್ತು ವಿಷ್ಣುವರ್ಧನ ಎರಡು ಬೇರೆ ಹೆಸರುಗಳಲ್ಲ, ಒಂದೇ ದೇವರ ಹೆಸರಿನ ಎರಡು ರೂಪಗಳು. ಇದನ್ನು ಒತ್ತಿ ಹೇಳುವುದಕ್ಕೆ ಕಾರಣವಿದೆ. ಜೈನನಾಗಿದ್ದ ಬಿಟ್ಟಿದೇವ ರಾಮಾನುಜರಿಂದ ದೀಕ್ಷೆ ಪಡೆದು ವಿಷ್ಣುವರ್ಧನನಾದ ಎಂಬ ಕಥೆಯನ್ನು ನಾವೆಲ್ಲ ಶಾಲೆಯಲ್ಲಿ ಓದಿದ್ದೇವೆ. ದೀಕ್ಷೆಯ ಮಾತು ಇತಿಹಾಸಕಾರರಿಗೆ ಸೇರಿದ್ದು. ಆದರೆ ಹೆಸರನ್ನೇ ಅದಕ್ಕೆ ಸಾಕ್ಷಿಯಾಗಿ ನಿಲ್ಲಿಸಲು ಬರುವುದಿಲ್ಲ, ಏಕೆಂದರೆ ಹಳೆಯ ಹೆಸರಿನಲ್ಲಿಯೂ ವಿಷ್ಣುವೇ ಇದ್ದಾನೆ. ಅವನ ದಂಡನಾಯಕನೊಬ್ಬ ಬಿಟ್ಟಿಯಣ್ಣ. ಆತ ಕಟ್ಟಿಸಿದ್ದು ಜಿನಾಲಯ! ಹೆಸರಿನಿಂದ ಮತವನ್ನು ಊಹಿಸುವುದು ಆ ಕಾಲಕ್ಕೆ ಹೊಂದುವುದಿಲ್ಲ ಎಂದೇ ನನಗೆ ತೋರುತ್ತದೆ. ಪಂಢರಾಪುರದ ವಿಠ್ಠಲನ ಹೆಸರೂ ವಿಷ್ಣುವಿನ ಕನ್ನಡ ರೂಪದಿಂದ ಬಂದದ್ದೆಂದು ಆರ್.ಜಿ. ಭಂಡಾರ್ಕರ್ ವಾದಿಸಿದ್ದರು. ಅದಕ್ಕೆ ಬೇರೆ ನಿಷ್ಪತ್ತಿ ಹೇಳುವವರೂ ಇದ್ದಾರೆ.

ಇನ್ನು ನಾವು ದಿನವೂ ಆಡುವ ಬಿಟ್ಟಿ. ಇದು ‘ವಿಷ್ಟಿ’ಯ ತದ್ಭವ. ದೃಷ್ಟಿ–ದಿಟ್ಟಿ, ಗೋಷ್ಠಿ–ಗೊಟ್ಟಿ, ಶ್ರೇಷ್ಠಿ–ಸೆಟ್ಟಿ ಎಂಬ ಸಾಲಿನಲ್ಲಿ ವಿಷ್ಟಿ–ಬಿಟ್ಟಿ ಸಲೀಸಾಗಿ ಕೂರುತ್ತದೆ. ‘ಬಿಟ್ಟುಕೊಟ್ಟದ್ದೇ ಬಿಟ್ಟಿ’ ಎನ್ನುವವರಿಗೆ ನೆರೆಯ ಭಾಷೆಗಳೇ ಉತ್ತರ ಹೇಳುತ್ತವೆ. ಕನ್ನಡದ ‘ಬಿಡು’ ತಮಿಳಿನಲ್ಲಿ ‘ವಿಡು’. ಆದರೆ ಕೂಲಿಯಿಲ್ಲದ ದುಡಿಮೆಗೆ ತಮಿಳಿನಲ್ಲೂ ತೆಲುಗಿನಲ್ಲೂ ಇರುವ ಮಾತು ‘ವೆಟ್ಟಿ’. ‘ವೆಟ್ಟಿ ಚಾಕಿರಿ’ ಎಂದರೆ ತೆಲಂಗಾಣದಲ್ಲಿ ಇಂದಿಗೂ ಹಿರಿಯರಿಗೆ ಜಮೀನ್ದಾರರ ಕಾಲ ನೆನಪಾಗುತ್ತದೆ. ಚೋಳರ ಶಾಸನಗಳಲ್ಲಿ ತೆರಿಗೆಗಳ ಜೊತೆಗೆ ಮತ್ತೆ ಮತ್ತೆ ಕಾಣುವುದೂ ಈ ವೆಟ್ಟಿಯೇ.

ವಿಷ್ಟಿ ಎಂದರೆ ಅರಸನೋ ಅಧಿಕಾರಿಯೋ ಪ್ರಜೆಗಳಿಂದ ಒತ್ತಾಯದಿಂದ ಮಾಡಿಸಿಕೊಳ್ಳುತ್ತಿದ್ದ ಕೂಲಿಯಿಲ್ಲದ ಕೆಲಸ. ಕೆರೆ ಏರಿ ಕಟ್ಟುವುದು, ಹೊರೆ ಹೊರುವುದು, ಬಂಡಿ ಹೂಡುವುದು, ದಾರಿ ಸರಿಮಾಡುವುದು. ಇದು ಎಷ್ಟು ಭಾರವಾಗಿತ್ತು ಎಂಬುದಕ್ಕೆ ಗುಜರಾತಿನಲ್ಲಿರುವ, ಶಕ ಅರಸ ರುದ್ರದಾಮನನ ಕ್ರಿ.ಶ. 150ರ ಜುನಾಗಢ ಶಾಸನವನ್ನು ನೋಡಬೇಕು. ಒಡೆದುಹೋದ ಸುದರ್ಶನ ಸರೋವರವನ್ನು ಜನರ ಮೇಲೆ ಕರ, ವಿಷ್ಟಿ, ಪ್ರಣಯಗಳ ಪೀಡೆ ಹಾಕದೆಯೇ ಕಟ್ಟಿಸಿದೆನೆಂದು ಅದರಲ್ಲಿ ಅವನು ಹೆಮ್ಮೆಯಿಂದ ಹೇಳಿಕೊಳ್ಳುತ್ತಾನೆ. (ಇಲ್ಲಿ ಪ್ರಣಯವೆಂದರೆ ಪ್ರೇಮವಲ್ಲ, ‘ಪ್ರೀತಿಯಿಂದ ಕೊಡಿ’ ಎಂದು ವಸೂಲು ಮಾಡುವ ಹೆಚ್ಚುವರಿ ಹಣ!) ವಿಷ್ಟಿ ಹಾಕಲಿಲ್ಲ ಎನ್ನುವುದೇ ಕಲ್ಲಿನಲ್ಲಿ ಕೆತ್ತಿಸುವಂಥ ಹಿರಿಮೆಯಾಗಿದ್ದರೆ, ಹಾಕುವುದು ಎಷ್ಟು ಸಾಮಾನ್ಯವಾಗಿತ್ತೆಂದು ಊಹಿಸಬಹುದು. ಮುಂದೆ ಪಾರಸಿಯ ‘ಬೇಗಾರ್’ ಬಂದು ಇದರ ಪಕ್ಕದಲ್ಲಿ ಕುಳಿತು ‘ಬಿಟ್ಟಿ ಬೇಗಾರಿ’ ಎಂಬ ಜೋಡುನುಡಿಯಾಯಿತು. ನಮ್ಮ ಸಂವಿಧಾನದ 23ನೆಯ ವಿಧಿ ನಿಷೇಧಿಸಿರುವುದು ಆ ‘ಬೇಗಾರ್’ ಅನ್ನೇ.

ನನ್ನನ್ನು ಬಹಳವಾಗಿ ಕಾಡುವ ಸಂಗತಿ ಇದು: ಆಗ ಬಿಟ್ಟಿ ಎಂದರೆ ಬಡವನಿಂದ ಕಿತ್ತುಕೊಂಡದ್ದು. ಈಗ ‘ಬಿಟ್ಟಿ ಊಟ’, ‘ಬಿಟ್ಟಿ ಅಕ್ಕಿ’ ಎನ್ನುವಾಗ ಬಡವನಿಗೆ ಸಿಕ್ಕಿದ್ದು. ಸಂಬಳವಿಲ್ಲದೆ ಬೆನ್ನು ಬಗ್ಗಿಸಿದವನ ಗೋಳನ್ನು ಹೊತ್ತಿದ್ದ ಮಾತು ಅಂಥವನ ಮರಿಮಕ್ಕಳನ್ನೇ ಹಂಗಿಸುವ ಮಾತಾಗಿ ತಿರುಗಿದೆ. ಕೂಲಿ ಕೊಡಲಿಲ್ಲ ಎಂಬ ಕಡೆಯಿಂದ ಬೆಲೆ ಕೊಡಲಿಲ್ಲ ಎಂಬ ಕಡೆಗೆ ಅರ್ಥ ಜಾರುವುದು ಸಹಜವೇ. ಆದರೂ ನಾನು ಈಚೆಗೆ ಆ ಪದವನ್ನು ಪಡೆಯುವವರ ಮೇಲೆ ಬಳಸುವುದನ್ನು ನಿಲ್ಲಿಸಿದ್ದೇನೆ. ‘ಜೀತ’ದ ಪಾಡು ನೋಡಿ. ಅದು ‘ಜೀವಿತ’ದ ತದ್ಭವ, ಹಳೆಯ ಅರ್ಥ ಸಂಬಳ, ಬದುಕಿನ ಆಧಾರ. ತೆಲುಗಿನಲ್ಲಿ ‘ಜೀತಂ’ ಇಂದಿಗೂ ತಿಂಗಳ ಸಂಬಳ. ನಮ್ಮಲ್ಲಿ ಮಾತ್ರ ಅದು ಸಾಲಕ್ಕೆ ತಲೆಕೊಟ್ಟವನ ಸೆರೆಯಾಗಿದೆ.

ಈಗ ನನ್ನ ಕೋರಿಕೆ. ಹಣ ಕೊಡದೆ ಸಿಕ್ಕಿದ್ದಕ್ಕೆ ಪುಕ್ಕಟೆ, ಪುಗಸಟ್ಟೆ ಎಂಬ ಮಾತುಗಳಿವೆ, ‘ಧರ್ಮಕ್ಕೆ ಸಿಕ್ಕಿತು’ ಎನ್ನುವವರೂ ಇದ್ದಾರೆ. ನಿಮ್ಮ ಊರಿನಲ್ಲಿ ಇವುಗಳಿಗೂ ಬಿಟ್ಟಿಗೂ ವ್ಯತ್ಯಾಸ ಮಾಡುತ್ತಾರೆಯೇ? ಬಿಟ್ಟಿ ಎಂಬುದನ್ನು ಹಳೆಯ ಅರ್ಥದಲ್ಲಿ, ಎಂದರೆ ಗೌಡರ ಮನೆಗೋ ಸರ್ಕಾರದ ಸವಾರಿಗೋ ಹೋಗಿ ದುಡಿಯಲೇಬೇಕಾಗಿದ್ದ ಸರದಿಯ ಹೆಸರಾಗಿ, ಮನೆಯ ಅಜ್ಜ ಅಜ್ಜಿಯರ ಬಾಯಲ್ಲಿ ಕೇಳಿದವರು ಇದ್ದರೆ ಅವರು ಆಡಿದ ವಾಕ್ಯವನ್ನು ಇದ್ದಂತೆಯೇ ಬರೆದು ತಿಳಿಸಿ. ಬಿಟ್ಟಪ್ಪ, ಬಿಟ್ಟಮ್ಮ ಎಂಬ ಹೆಸರಿನವರು ನಿಮ್ಮ ವಂಶಾವಳಿಯಲ್ಲಿ ಇದ್ದರೆ ಅದನ್ನೂ ತಿಳಿಸಿ. ತಂಗಿಯ ಮಗಳಿಗೆ ರಾಜನ ಹೆಸರಿನ ಉತ್ತರವನ್ನು ಆ ಸಂಜೆಯೇ ಹೇಳಿದ್ದೇನೆ. ಇನ್ನೊಂದು ಬಿಟ್ಟಿಯ ಕಥೆಯನ್ನು ಹೇಳುವಾಗ ನಮ್ಮ ಊರುಗಳ ಮಾತುಗಳೂ ಜೊತೆಗಿರಲಿ ಎಂದು ಆಸೆ.