ಮಳೆಗಾಲಕ್ಕೆ ಒಣಮೀನು ಕೊಂಡು ಮಾರುವವರಿಗೆ: ಕರಾವಳಿ, ಘಟ್ಟ, ಬೆಂಗಳೂರಿನವರು ಹೇಳಿದ್ದು

ಕೇಳಿದ್ದು, ಕುಂದಾಪುರ ಕಡೆಯಿಂದ

ನಮಸ್ಕಾರ. ನಾವು ಸ್ವಸಹಾಯ ಸಂಘದ ಕೆಲವು ಹೆಂಗಸರು. ಬೇಸಿಗೆಯಲ್ಲಿ ಒಣಮೀನು ಕೊಂಡಿಟ್ಟು ಮಳೆಗಾಲದಲ್ಲಿ ಮಾರುವ ಯೋಚನೆ ಇದೆ. ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ಬೋಟುಗಳು ಕಡಲಿಗೆ ಇಳಿಯುವುದಿಲ್ಲವಲ್ಲ, ಆಗ ಬೇಡಿಕೆ ಜಾಸ್ತಿ ಅಂತ ಕೇಳಿದ್ದೇವೆ. ಸಂಘದಿಂದ ಸ್ವಲ್ಪ ಸಾಲ ಸಿಗುತ್ತದೆ. ಯಾವ ಮೀನು ಕೊಳ್ಳಬೇಕು? ಎಷ್ಟು ಇಟ್ಟುಕೊಳ್ಳಬೇಕು? ಘಟ್ಟದ ಮೇಲಿನ ಸಂತೆಗಳಿಗೆ ಕೊಡುವುದಾ, ಪ್ಯಾಕೆಟ್ ಮಾಡಿ ಬೆಂಗಳೂರಿಗೆ ಕಳಿಸುವುದಾ? ಧಾರಣೆ ಯಾಕೆ ಇಷ್ಟು ಏರಿಳಿಯುತ್ತದೆ? ಈ ವ್ಯಾಪಾರ ಮಾಡಿದವರು ದಯವಿಟ್ಟು ಹೇಳಿ.

ಅಂಕೋಲಾದಿಂದ, ಒಣಮೀನು ಮಾರುವವರು

ತಂಗಿ, ಮೊದಲು ಮೀನು ನೋಡಿ ಕೊಳ್ಳುವುದನ್ನು ಕಲಿಯಿರಿ. ಧಾರಣೆಯ ಮಾತು ಆಮೇಲೆ. ಹಸಿ ಉಳಿದ ಮೀನನ್ನು ಎಷ್ಟು ಅಗ್ಗಕ್ಕೆ ತಂದರೂ ನಷ್ಟವೇ.

ಬಂಗಡೆ ಕೊಳ್ಳುವಾಗ ಬಾಲ ಮುರಿದು ನೋಡಿ ಸಮಾಧಾನ ಮಾಡಿಕೊಳ್ಳಬೇಡಿ. ಬಾಲ ಎಲ್ಲಕ್ಕಿಂತ ಮೊದಲು ಒಣಗುತ್ತದೆ. ತಲೆಯ ಹಿಂದೆ, ಬೆನ್ನು ದಪ್ಪಗಿರುವ ಕಡೆ ಹೆಬ್ಬೆರಳಿನಿಂದ ಒತ್ತಿ. ಗುಂಡಿ ಬಿದ್ದು ಹಾಗೇ ನಿಂತರೆ ಒಳಗೆ ನೀರಿದೆ. ಹೊಟ್ಟೆ ಬಿಡಿಸಿ ನೋಡಿ. ನಡುಮುಳ್ಳಿನ ಬುಡದಲ್ಲಿ ರಕ್ತ ಕಪ್ಪಗೆ ಅಂಟಿಕೊಂಡಿದ್ದರೆ ಸರಿಯಾಗಿ ತೊಳೆದಿಲ್ಲ, ಮೊದಲು ಕೆಡುವುದು ಅಲ್ಲೇ. ಕಿವಿರು ಎತ್ತಿ ಮೂಸಿ. ಉಪ್ಪು ಮೀನಿನ ವಾಸನೆ ಬಂದರೆ ಸರಿ. ಹುಳಿ ವಾಸನೆ ಅಥವಾ ಹಳೇ ಎಣ್ಣೆಯ ಕಮಟು ಬಂದರೆ ಚೀಲ ಕೆಳಗಿಟ್ಟುಬಿಡಿ. ಮೈಮೇಲೆ ಹಳದಿ ಅಡರಿದ್ದರೆ ಕೊಬ್ಬು ಕಮಟಿದೆ ಅಂತ ಅರ್ಥ. ಗುಲಾಬಿ, ಕೆಂಪು ಮಚ್ಚೆ ಇದ್ದರೂ ಬೇಡ. ಚೀಲದಲ್ಲಿ ಒಂದು ಮೀನಿಗೆ ಇದ್ದದ್ದು ಉಳಿದವಕ್ಕೂ ಹರಡುತ್ತದೆ.

ಸಣ್ಣ ಮೀನು, ಶೆಟ್ಲಿ (ಸಣ್ಣ ಸಿಗಡಿ) ಆದರೆ ಮುಷ್ಟಿ ತುಂಬ ಎತ್ತಿ ಬಿಡಿ. ಸರಸರ ಸದ್ದಾಗಿ ಬಿಡಿಬಿಡಿಯಾಗಿ ಬೀಳಬೇಕು. ಒಂದು ಬಿಳಿ ಬಟ್ಟೆ ಜೊತೆಗಿರಲಿ. ಅದರ ಮೇಲೆ ಸ್ವಲ್ಪ ಹಾಕಿ ಕೊಡವಿದರೆ ಎಷ್ಟು ಮರಳಿದೆ ಅಂತ ಕಾಣುತ್ತದೆ. ಮರಳಿನ ಮೇಲೆ ಒಣಗಿಸಿದ ಮಾಲಿಗೂ, ಬಲೆ ಹಾಸಿ ಅಥವಾ ಚಪ್ಪರದ ಮೇಲೆ ಒಣಗಿಸಿದ ಮಾಲಿಗೂ ಒಂದೇ ಧಾರಣೆ ಕೊಡಬೇಡಿ. ಹಾಗೇ, ಮೇಲೆ ಉಪ್ಪಿನ ಹರಳು ಹೊಳೆಯುವ ಮೀನನ್ನು ಕೊಡವಿಯೇ ತೂಕಕ್ಕೆ ಹಾಕಿಸಿ. ಮೀನಿನ ರೇಟು ಕೊಟ್ಟು ಉಪ್ಪು ಯಾಕೆ ತರಬೇಕು, ಅಲ್ವಾ?

ಯಾವುದು ಯಾವಾಗ ಅಂದರೆ: ಕೊಬ್ಬು ಕಡಿಮೆ ಇರುವುದನ್ನು ಮೊದಲೇ ಕೊಳ್ಳಬಹುದು. ಶೆಟ್ಲಿ, ಲೇಪೆ (ನಿಮ್ಮ ಕಡೆಯ ನಂಗು, ಚಪ್ಪಟೆ ಮೀನು), ದೋಡಿ, ಕೊಲ್ಲತರು (ಆಂಚೊವಿ ಅನ್ನುವ ಸಣ್ಣ ಮೀನು) ಇವನ್ನು ಬಿಸಿಲು ಗಟ್ಟಿ ಇರುವ ಫೆಬ್ರವರಿ-ಮಾರ್ಚ್‌ನಲ್ಲೇ ತೆಗೆದಿಟ್ಟರೆ ಒಳ್ಳೆಯದು. ಬಂಗಡೆ, ತಾರ್ಲೆ (ಮಲ್ಪೆ, ಮಂಗಳೂರು ಕಡೆಯ ಬೂತಾಯಿ) ಬೇಗ ಕಮಟುತ್ತವೆ. ಅವನ್ನು ಏಪ್ರಿಲ್ ಕೊನೆಗೆ, ಮೇ ಮೊದಲಿಗೆ ಮಾಡಿ. ಮೇ ಮಧ್ಯ ದಾಟಿದ ಮೇಲೆ ಕಾರವಾರದ ಭಾನುವಾರದ ಸಂತೆ ಇರಲಿ, ನಮ್ಮ ಪೇಟೆ ಇರಲಿ, ಮನೆಮನೆಯವರೂ ಮಳೆಗಾಲಕ್ಕೆ ಅಂತ ಕೊಳ್ಳಲು ಬರುತ್ತಾರೆ. ಆಗ ಮಾರುವವರು ಹೇಳಿದ್ದೇ ರೇಟು. ಆ ಹೊತ್ತಿಗೆ ನಿಮ್ಮ ಖರೀದಿ ಮುಗಿದಿರಬೇಕು.

ಮಲ್ಪೆಯಿಂದ, ಬೋಟಿನ ಮೀನು ಇಳಿಸುವ ಧಕ್ಕೆಯಲ್ಲಿ ಹರಾಜು ನೋಡಿಕೊಳ್ಳುವವರು

ಧಾರಣೆ ಯಾಕೆ ಏರಿಳಿಯುತ್ತದೆ ಅಂತ ಕೇಳಿದ್ದೀರಿ. ಅದಕ್ಕೆ ಧಕ್ಕೆಗೆ ಬಂದು ನೋಡಬೇಕು. ಬಂದ ಮೀನಿಗೆ ಇಲ್ಲಿ ಮೂರು ದಾರಿ. ಒಳ್ಳೆಯದು ಐಸ್ ಹಾಕಿಕೊಂಡು ಹಸಿ ಮಾರುಕಟ್ಟೆಗೆ ಹೋಗುತ್ತದೆ. ರಾಶಿ ಬಿದ್ದ ಬೂತಾಯಿ, ಸಣ್ಣ ಮೀನು ಫಿಶ್‌ಮೀಲ್ ಕಾರ್ಖಾನೆಗೆ. ಒಣಗಿಸುವ ಹೆಂಗಸರಿಗೆ ಸಿಗುವುದು ಇವೆರಡರ ನಡುವೆ ಉಳಿದದ್ದು. ಕಾರ್ಖಾನೆಯವರಿಗೆ ಬಿಸಿಲು ಬೇಡ, ಜಾಗ ಬೇಡ, ಲಾರಿಗಟ್ಟಲೆ ಒಂದೇ ಸಲ ಎತ್ತುತ್ತಾರೆ. ಅವರು ಕೂಗಿದ ರೇಟಿಗಿಂತ ಕೆಳಗೆ ಒಣಗಿಸುವವರಿಗೆ ಮೀನು ಸಿಗುವುದಿಲ್ಲ. ಹಿಂದೆ ರಾಶಿ ಬಿದ್ದ ದಿನ ಒಣಗಿಸುವವರಿಗೆ ಹಬ್ಬ. ಈಗ ಆ ದಿನದ ಲಾಭ ಬಹಳಷ್ಟು ಕಾರ್ಖಾನೆಯ ಪಾಲಾಗುತ್ತದೆ. ನನಗೆ ಇದು ತುಂಬ ಬೇಸರದ ವಿಷಯ. ತಿನ್ನುವ ಮೀನನ್ನು ಹುಡಿ ಮಾಡಿ ಸಿಗಡಿ ಕೆರೆಗೆ, ಕೋಳಿಗೆ ಹಾಕುತ್ತೇವೆ. ಬಡವರ ತಟ್ಟೆಯ ಒಣಮೀನು ದುಬಾರಿ ಆಗುತ್ತದೆ.

ಕಡಲೂ ಒಂದೇ ಸಮ ಇರುವುದಿಲ್ಲ. ಪಕ್ಕದ ಕೇರಳದ ಲೆಕ್ಕ ನೋಡಿ. 2012ರಲ್ಲಿ ಅಲ್ಲಿ ಸುಮಾರು 4 ಲಕ್ಷ ಟನ್ ಬೂತಾಯಿ ಬಿದ್ದಿತ್ತು. ಕೇಂದ್ರೀಯ ಸಮುದ್ರ ಮೀನುಗಾರಿಕೆ ಸಂಶೋಧನಾ ಸಂಸ್ಥೆಯ ಲೆಕ್ಕದಲ್ಲಿ 2021ರಲ್ಲಿ ಬಂದದ್ದು 3,297 ಟನ್ ಮಾತ್ರ. ಹಾಗಾಗಿ ಒಂದೇ ಮೀನನ್ನು ನಂಬಿ ಸಾಲದ ದುಡ್ಡೆಲ್ಲ ಹಾಕಬೇಡಿ.

ಇನ್ನು ಒಣಗುವ ಲೆಕ್ಕ. ಉಪ್ಪು ಹಾಕದ ಕೊಲ್ಲತರು ನಾಲ್ಕು ಕೆಜಿ ಹಸಿಗೆ ಒಂದು ಕೆಜಿಯ ಆಸುಪಾಸು ಒಣಗಿದ್ದು ಸಿಗುತ್ತದೆ. ಹಸಿ ಮೀನು ಕೆಜಿಗೆ ಹತ್ತು ರೂಪಾಯಿ ಏರಿದರೆ ಒಣಗಿದ್ದಕ್ಕೆ ಸುಮಾರು ನಲವತ್ತು ರೂಪಾಯಿ ಏರಲೇಬೇಕು. ಯಾರೋ ಅದಕ್ಕಿಂತ ತುಂಬ ಕಡಿಮೆಗೆ ಕೊಡುತ್ತಾರೆ ಅಂದರೆ ಸರಿಯಾಗಿ ಒಣಗಿಸಿಲ್ಲ, ಇಲ್ಲವೇ ಹಳೇ ಮಾಲು.

ಹೊರಗಿನ ಮಾಲೂ ಬರುತ್ತದೆ. ಬೊಂಬಿಲ್ ಮೀನು ಬಹಳಷ್ಟು ಗುಜರಾತ್, ಮಹಾರಾಷ್ಟ್ರ ಕಡೆಯದು. ಈಶಾನ್ಯದವರಿಗಾಗಿ ಅಸ್ಸಾಮಿನ ಜಾಗಿರೋಡ್‌ನಲ್ಲಿ ಒಣಮೀನಿನದ್ದೇ ದೊಡ್ಡ ಮಾರುಕಟ್ಟೆ ಇದೆ. ದೇಶದ ಹಲವು ಕಡಲ ತೀರಗಳಿಂದ ಅಲ್ಲಿಗೆ ಲಾರಿ ಹೋಗುತ್ತದೆ. ತಮಿಳುನಾಡಿನ ತೂತ್ತುಕುಡಿಯಿಂದ ಶ್ರೀಲಂಕಾಕ್ಕೆ ಹೋಗುತ್ತದೆ. ಅಲ್ಲಿಯವರು ಎತ್ತುವುದು ನಿಲ್ಲಿಸಿದರೆ ಆ ಮಾಲು ಒಳನಾಡಿಗೆ ತಿರುಗುತ್ತದೆ, ನಮ್ಮ ರೇಟು ಇಳಿಯುತ್ತದೆ. ದೊಡ್ಡ ಖರೀದಿ ಮಾಡುವ ಮುಂಚೆ ಲಾರಿಯವರ ಹತ್ತಿರ ಎಲ್ಲಿಂದ ಎಲ್ಲಿಗೆ ಮಾಲು ಓಡುತ್ತಿದೆ ಅಂತ ಕೇಳಿ. ಅವರಿಗೆ ಗೊತ್ತಿರುತ್ತದೆ.

ಸಕಲೇಶಪುರ ಕಡೆಯಿಂದ, ಸಂತೆ ವ್ಯಾಪಾರಿ

ಅಕ್ಕ, ಘಟ್ಟದ ಮೇಲೆ ಮಾರುವುದಾದರೆ ತೋಟದ ಬಟವಾಡೆ ದಿನ ಮೊದಲು ತಿಳಿದುಕೊಳ್ಳಿ. ಕೂಲಿ ಕೈಗೆ ಬಂದ ಮೇಲಿನ ಸಂತೆಯಲ್ಲಿ ಮಾಲು ಓಡುತ್ತದೆ. ಅದರ ಹಿಂದಿನ ಸಂತೆಯಲ್ಲಿ ಎಲ್ಲರೂ ಉದ್ರಿ ಕೇಳುತ್ತಾರೆ.

ನಮ್ಮಲ್ಲಿ ಹೆಚ್ಚು ಓಡುವುದು ಸಣ್ಣ ಸಿಗಡಿ ಮತ್ತು ಬಂಗುಡೆ. ಸಿಗಡಿಯನ್ನು ಜನ ನೂರು, ಇನ್ನೂರೈವತ್ತು ಗ್ರಾಂ ಲೆಕ್ಕದಲ್ಲಿ ಕೊಳ್ಳುತ್ತಾರೆ. ಹುರಿದು ಚಟ್ನಿ ಮಾಡಿದರೆ, ಇಲ್ಲ ಬದನೆಕಾಯಿಗೆ ಹಾಕಿದರೆ, ಇಡೀ ಮನೆಗೆ ಊಟ ಆಗುತ್ತದೆ. ಬಂಗುಡೆ ಎಣಿಕೆ ಲೆಕ್ಕ. ಹಾಗಾಗಿ ದೊಡ್ಡದು ಸಣ್ಣದು ಬೆರೆಸಿ ತರಬೇಡಿ. ಸಂತೆಗೆ ಬಂದವರು ಕೈಹಾಕಿ ದೊಡ್ಡದನ್ನೆಲ್ಲ ಆರಿಸಿಬಿಡುತ್ತಾರೆ, ಕೊನೆಗೆ ಚೂರು ನಿಮಗೆ ಉಳಿಯುತ್ತದೆ. ಮನೆಯಲ್ಲೇ ಗಾತ್ರ ಬೇರೆ ಮಾಡಿ ಬೇರೆ ಬೇರೆ ರೇಟು ಹಾಕಿ.

ಈಚೆಗೆ ತೋಟಗಳಲ್ಲಿ ಅಸ್ಸಾಂ, ಬಂಗಾಳ ಕಡೆಯ ಕೆಲಸಗಾರರು ಜಾಸ್ತಿ ಆಗಿದ್ದಾರೆ. ಅವರು ಸಣ್ಣ ಮೀನು ಕೇಳುತ್ತಾರೆ, ವಾಸನೆ ಜೋರಾಗಿದ್ದರೂ ಬೇಸರ ಇಲ್ಲ. ಉಪ್ಪು ಕಡಿಮೆ ಇರಬೇಕು. ಇಂಥ ಗಿರಾಕಿ ನಮಗೆ ಮೊದಲು ಇರಲಿಲ್ಲ.

ಮಳೆ ಹಿಡಿದ ವಾರ ವ್ಯಾಪಾರ ಜೋರು. ಆದರೆ ಮಾಲು ಕೆಡುವುದೂ ಆಗಲೇ. ನಾನು ಒಂದು ಸಂತೆಗೆ ಆಗುವಷ್ಟನ್ನು ಮಾತ್ರ ಚೀಲದಿಂದ ತೆಗೆಯುತ್ತೇನೆ. ತೆರೆದ ಚೀಲ ಎರಡನೇ ಸಂತೆಗೆ ಹೋಗುವ ಹೊತ್ತಿಗೆ ತಣಸು ಹಿಡಿದಿರುತ್ತದೆ. ನಿಮ್ಮಿಂದ ಕೊಳ್ಳುವವರಿಗೂ ಐವತ್ತು ಕೆಜಿ ಚೀಲ ಬೇಡ, ಹತ್ತು ಕೆಜಿಯ ಕಟ್ಟು ಮಾಡಿ ಕೊಡಿ. ಉದ್ರಿ ಕೊಡಲೇಬೇಕಾದರೆ ಒಂದು ಸಂತೆಯದ್ದು ತೀರಿಸಿದ ಮೇಲೆ ಮುಂದಿನದ್ದು ಕೊಡಿ.

ಬೆಂಗಳೂರಿನಿಂದ, ಪ್ಯಾಕೆಟ್ ಮಾಡಿ ಮಾರುವವರು

ಬೆಂಗಳೂರಿನಲ್ಲಿ ಗಿರಾಕಿ ಇದ್ದಾರೆ, ರೇಟೂ ಒಳ್ಳೆಯದು. ಆದರೆ ಇಲ್ಲಿ ಮೀನಿಗಿಂತ ಶುಚಿ ಮಾಡಿಕೊಟ್ಟ ಕೆಲಸಕ್ಕೆ ದುಡ್ಡು. ಸಿಗಡಿಯ ತಲೆ, ಬಾಲ ತೆಗೆದಿರಬೇಕು. ಬಂಗುಡೆ ತಲೆ ಕತ್ತರಿಸಿ, ತುಂಡು ಮಾಡಿರಬೇಕು. ತಲೆ, ಬಾಲ ತೆಗೆದಾಗ ಹೋಗುವ ತೂಕವನ್ನು ರೇಟಿನಲ್ಲಿ ಸೇರಿಸಿಕೊಳ್ಳದಿದ್ದರೆ ದುಡಿದದ್ದು ಸುಮ್ನೆ ಹೋಗುತ್ತದೆ.

ಎಫ್‌ಎಸ್‌ಎಸ್‌ಎಐ (ಆಹಾರ ಸುರಕ್ಷತಾ ಪ್ರಾಧಿಕಾರ) ನೋಂದಣಿ ಇಲ್ಲದೆ ಶುರು ಮಾಡಬೇಡಿ. ಪ್ಯಾಕೆಟ್ ಮೇಲೆ ನೋಂದಣಿ ಸಂಖ್ಯೆ, ತೂಕ, ಪ್ಯಾಕ್ ಮಾಡಿದ ದಿನಾಂಕ, ಎಲ್ಲಿಯವರೆಗೆ ಬಳಸಬಹುದು, ಕಂದು ಬಣ್ಣದ ಮಾಂಸಾಹಾರ ಗುರುತು ಎಲ್ಲ ಬೇಕು. ಬಿಡಿಯಾಗಿ ಮಾರುವ ಒಣಮೀನಿಗೆ ಜಿಎಸ್‌ಟಿ ಇಲ್ಲ. ಮೊದಲೇ ಪ್ಯಾಕ್ ಮಾಡಿ ಲೇಬಲ್ ಹಚ್ಚಿದ್ದಕ್ಕೆ 2022ರ ಜುಲೈ 18ರಿಂದ ಶೇ. 5 ಇದೆ. ವಹಿವಾಟು ಸಣ್ಣದಿದ್ದರೆ ಜಿಎಸ್‌ಟಿ ನೋಂದಣಿಯೇ ಬೇಕಾಗದಿರಬಹುದು, ಒಮ್ಮೆ ಲೆಕ್ಕಪತ್ರದವರನ್ನು ಕೇಳಿ.

ವಾಸನೆ ದೊಡ್ಡ ತಲೆನೋವು. ತೆಳು ಪ್ಲಾಸ್ಟಿಕ್ಕಿನಿಂದ ವಾಸನೆ ಹೊರಗೆ ಬರುತ್ತದೆ, ಕೊರಿಯರ್‌ನವರು ಡಬ್ಬಿ ವಾಪಸ್ ಕೊಡುತ್ತಾರೆ. ಹಲವು ಪದರದ ದಪ್ಪ ಪೌಚ್ ತೆಗೆದುಕೊಳ್ಳಿ, ಅದನ್ನು ಇನ್ನೊಂದರೊಳಗೆ ಹಾಕಿ. ಪೌಚ್ ಒಳ್ಳೆಯದು ಅಂತ ಹಸಿ ಉಳಿದ ಮೀನು ಹಾಕಿ ಸೀಲ್ ಮಾಡಿದರೆ ಒಳಗೇ ಬೆವರಿ ಬೂಸ್ಟು ಬರುತ್ತದೆ. ಪ್ಯಾಕೆಟ್ ಮೀನನ್ನು ಒಣಗಿಸುವುದಿಲ್ಲ.

ಮತ್ತೊಂದು ಮಾತು. ಈಜಿಪುರ, ನೀಲಸಂದ್ರ ಕಡೆ ಈಶಾನ್ಯ ರಾಜ್ಯದವರ ಅಂಗಡಿಗಳಿವೆ. ಕರಾವಳಿಯವರು, ಮಲೆನಾಡಿನವರು ಮಳೆಗಾಲದಲ್ಲಿ ನೆನಪು ಮಾಡಿಕೊಂಡು ಕೊಳ್ಳುತ್ತಾರೆ. ಇವರು ವರ್ಷವಿಡೀ ಕೊಳ್ಳುತ್ತಾರೆ. ಮೊದಲು ಸ್ಯಾಂಪಲ್ ತೋರಿಸಿ, ಅವರು ಯಾವ ಗಾತ್ರ ಕೇಳುತ್ತಾರೆ ನೋಡಿ, ಆಮೇಲೆ ಮಾಲು ಮಾಡಿ.

ಮಂಗಳೂರು ಬಂದರ್‌ನಿಂದ

ಯಾರೂ ಹೊಗೆ ಹಾಕಿದ ಮೀನಿನ ಮಾತು ಎತ್ತಲಿಲ್ಲ, ಅದಕ್ಕೆ ಹೇಳುತ್ತಿದ್ದೇನೆ. ನಮ್ಮ ಹಳೇ ಬಂದರಿಗೂ ಲಕ್ಷದ್ವೀಪಕ್ಕೂ ಹಿಂದಿನಿಂದ ವ್ಯಾಪಾರ ಇದೆ. ಅಲ್ಲಿಂದ ಬರುವ ಮಾಲಿನಲ್ಲಿ ಮಾಸ್‌ಮೀನ್ ಒಂದು. ಕೇದರ (ಟ್ಯೂನಾ) ಜಾತಿಯ ಮೀನನ್ನು ಸೀಳಿ, ಬೇಯಿಸಿ, ಹೊಗೆ ಹಾಕಿ, ಬಿಸಿಲಿನಲ್ಲಿ ಒಣಗಿಸುತ್ತಾರೆ. ಅಲ್ಲಿಯ ಮಿನಿಕಾಯ್ ದ್ವೀಪದ್ದಕ್ಕೆ ಹೆಸರು ಜಾಸ್ತಿ. ಮರದ ತುಂಡಿನಷ್ಟು ಗಟ್ಟಿ, ಬಹುಕಾಲ ಇಟ್ಟರೂ ಕೆಡುವುದಿಲ್ಲ. ಆದರೆ ಇದರ ರುಚಿ ಗೊತ್ತಿದ್ದವರೇ ಕೊಳ್ಳುವುದು. ಕುಂದಾಪುರದಲ್ಲಿ ಹೊಸದಾಗಿ ಹೊಗೆ ಗೂಡು ಕಟ್ಟುತ್ತೇವೆ ಅಂದರೆ ನಾನು ಬೇಡ ಅನ್ನುತ್ತೇನೆ. ಗಿರಾಕಿ ಇರುವ ಬಿಸಿಲು ಮೀನೇ ಸಾಕು.

ತೊರಕೆ (ಚಪ್ಪಟೆ ಮೈ, ಉದ್ದ ಬಾಲದ ಮೀನು) ಕೊಳ್ಳುವಾಗಲೂ ಎಚ್ಚರ. ತೊರಕೆ, ಶಾರ್ಕ್ ಗುಂಪಿನ ಕೆಲವು ಜಾತಿಗಳಿಗೆ ವನ್ಯಜೀವಿ ಕಾಯ್ದೆಯ ರಕ್ಷಣೆ ಇದೆ. ಒಣಗಿ ತುಂಡಾದ ಮೇಲೆ ಯಾವ ಜಾತಿ ಅಂತ ನೀವು ಸಾಬೀತು ಮಾಡುವುದು ಕಷ್ಟ.

ಮೀನುಗಾರಿಕೆ ಓದಿ, ಒಣಗಿಸುವ ತರಬೇತಿ ಕೊಡುವವರು

ಅಂಕೋಲಾದ ಅಕ್ಕ ಹೇಳಿದ್ದಕ್ಕೆ ಎರಡು ಮಾತು ಸೇರಿಸುತ್ತೇನೆ. ಕೆಂಪು ಮಚ್ಚೆ ಬರುವುದು ಉಪ್ಪಿನಲ್ಲೇ ಬದುಕುವ ಬ್ಯಾಕ್ಟೀರಿಯಾದಿಂದ. ಕಡಲುಪ್ಪಿನ ಜೊತೆಗೇ ಅದು ಬರುತ್ತದೆ. ಹಾಗಾಗಿ ಒಮ್ಮೆ ಬಳಸಿದ ಉಪ್ಪುನೀರನ್ನು ಮತ್ತೆ ಬಳಸುವವರ ಹತ್ತಿರ ಕೊಳ್ಳಬೇಡಿ.

ಬಂಗುಡೆ, ಬೂತಾಯಿ, ಕೊಲ್ಲತರು, ಕೇದರ ಇವು ಐಸ್ ಇಲ್ಲದೆ ಬಿಸಿಲಲ್ಲಿ ಬಿದ್ದರೆ ಮೈಯಲ್ಲಿ ಹಿಸ್ಟಮಿನ್ ಸೇರುತ್ತದೆ. ತಿಂದವರಿಗೆ ಮುಖ ಕೆಂಪಾಗಿ, ಮೈ ತುರಿಸಿ, ತಲೆ ಸಿಡಿಯುತ್ತದೆ. ಒಮ್ಮೆ ಸೇರಿದ ಮೇಲೆ ಉಪ್ಪು ಹಾಕಿದರೂ, ಒಣಗಿಸಿದರೂ, ಕುದಿಸಿದರೂ ಅದು ಹೋಗುವುದಿಲ್ಲ. ಮಾರದೆ ಉಳಿದು ಹಳಸಿದ ಮೀನನ್ನು "ಒಣಗಿಸಿದರೆ ಆಯಿತು" ಅನ್ನುವವರ ಮಾಲು ನಿಮ್ಮ ಗಿರಾಕಿಯ ಮನೆ ಸೇರಬಾರದು. ಹುಳ ಬಾರದಿರಲಿ ಅಂತ ಕೀಟನಾಶಕ ಹೊಡೆಯುವವರೂ ಇದ್ದಾರೆ. ನೊಣವೇ ಸುಳಿಯದ ಒಣಮೀನಿನ ರಾಶಿ ಕಂಡರೆ ಯಾಕೆ ಅಂತ ಕೇಳಿ.

ಮುಂದೆ ನೀವೇ ಒಣಗಿಸುವ ಮನಸ್ಸಿದ್ದರೆ ಕೊಚ್ಚಿಯ ಕೇಂದ್ರೀಯ ಮೀನುಗಾರಿಕೆ ತಂತ್ರಜ್ಞಾನ ಸಂಸ್ಥೆ ರೂಪಿಸಿದ ಸೌರ ಡ್ರೈಯರ್‌ಗಳಿವೆ. 2020ರಲ್ಲಿ ಶುರುವಾದ ಮತ್ಸ್ಯ ಸಂಪದ ಯೋಜನೆಯಲ್ಲಿ ಮಹಿಳೆಯರಿಗೆ ಶೇ. 60ರವರೆಗೆ ಸಹಾಯಧನದ ಅವಕಾಶ ಇಟ್ಟಿದ್ದರು. ಈಗ ಅರ್ಜಿ ತೆಗೆದುಕೊಳ್ಳುತ್ತಿದ್ದಾರಾ ಅಂತ ತಾಲ್ಲೂಕು ಮೀನುಗಾರಿಕೆ ಕಚೇರಿಯಲ್ಲಿ ವಿಚಾರಿಸಿ.

ಕೇಳಿದವರು ಮತ್ತೆ

ಎಲ್ಲರಿಗೂ ತುಂಬ ಧನ್ಯವಾದ. ಮಾತಾಡಿಕೊಂಡೆವು. ಈ ವರ್ಷ ಸಿಗಡಿ, ನಂಗು, ಬಂಗುಡೆ ಮೂರೇ. ಸಾಲದ ಅರ್ಧದಷ್ಟೇ ಮಾಲಿಗೆ ಹಾಕುತ್ತೇವೆ. ಘಟ್ಟದ ಸಂತೆಯವರಿಗೆ ಹತ್ತು ಕೆಜಿ ಕಟ್ಟು. ಬೆಂಗಳೂರಿಗೆ ಶುಚಿ ಮಾಡಿದ ಸಿಗಡಿ ಮಾತ್ರ. ಇಡುವ ಜಾಗ ಒಂದೇ ಚಿಂತೆ. ಹಂಚಿನ ಮನೆ, ಮಳೆಗಾಲದಲ್ಲಿ ಗೋಡೆಯೆಲ್ಲ ತೇವ.

ಅಂಕೋಲಾದಿಂದ

ಗೋಡೆಗೆ ತಾಗಿಸಿ ಇಡಬೇಡಿ ತಂಗಿ, ನೆಲಕ್ಕೂ ಬೇಡ. ಹಲಗೆ ಹಾಕಿ ಅದರ ಮೇಲೆ ಇಡಿ. ಒಲೆ ಉರಿಯುವ ಅಡುಗೆಮನೆಯ ಅಟ್ಟ ಇದ್ದರೆ ಅದಕ್ಕಿಂತ ಒಳ್ಳೆಯ ಜಾಗ ಇಲ್ಲ. ಬಿಸಿಲಿನಿಂದ ತಂದ ಮೀನನ್ನು ಬಿಸಿ ಇರುವಾಗಲೇ ಕಟ್ಟಬೇಡಿ, ನೆರಳಲ್ಲಿ ಪೂರ್ತಿ ತಣಿಯಬೇಕು. ಆಮೇಲೆ ದಪ್ಪ ಪ್ಲಾಸ್ಟಿಕ್ ಚೀಲ, ಅದರ ಹೊರಗೆ ಗೋಣಿ, ಬಾಯಿ ಬಿಗಿಯಾಗಿ ಕಟ್ಟಿ. ಸಿಗಡಿಗೆ ಮುಚ್ಚಳ ಇರುವ ಡ್ರಮ್ ಒಳ್ಳೆಯದು, ಇಲಿ ಕಾಟವೂ ಇರುವುದಿಲ್ಲ. ಮಳೆ ಬಿಟ್ಟು ಗಟ್ಟಿ ಬಿಸಿಲು ಬಿದ್ದ ದಿನ ಒಂದೊಂದೇ ಚೀಲ ಬಿಚ್ಚಿ ಹರಡಿ, ಸಂಜೆ ತಂಪು ಬೀಳುವ ಮೊದಲೇ ಒಳಗೆ ತನ್ನಿ. ಚೀಲದ ಮೇಲೆ ಕೊಂಡ ತಿಂಗಳು ಬರೆದಿಡಿ, ಮೊದಲು ಕೊಂಡದ್ದು ಮೊದಲು ಹೋಗಲಿ.

ಏಪ್ರಿಲ್ ಕೊನೆಗೆ ಇಬ್ಬರು ಇಲ್ಲಿಗೆ ಬನ್ನಿ. ಜೊತೆಗೆ ನಿಂತು ಮೀನು ಆರಿಸಿಕೊಡುತ್ತೇನೆ. ತಕ್ಕಡಿ ನಿಮ್ಮದೇ ತನ್ನಿ.