ಗುಡ್ಡ ಹತ್ತುವ ಹೊಳೆ ಆಟದ ಮಧ್ಯೆ ಕೆಡ್ತಾ ಇದೆ, ಸರಿ ಮಾಡೋದು ಹೇಗೆ?

ಕೋಟೆಬಾಗಿಲು (ಬೀದರ್):
ಎಲ್ಲರಿಗೂ ನಮಸ್ಕಾರ ರೀ. ನಾವು ಗೆಳೆಯರು ಭಾನುವಾರ ಸೇರಿ ದಾಳ ಹಾಕಿ ಕಥೆಯಾಟ ಆಡುತ್ತೇವೆ. ಲೋಕ ಕಟ್ಟೋದು, ನಕ್ಷೆ ಬರೆಯೋದು ನನ್ನ ಕೆಲಸ. ಈ ಸಲದ ನಕ್ಷೆಯಲ್ಲಿ ನಮ್ಮೂರಿನ ಹಾಗೇ ಕೆಂಪು ಗುಡ್ಡ, ಗುಡ್ಡದ ತಲೆ ಮೇಲೆ ಕೋಟೆ. ಕಡಿದಾದ ಬದಿ 100 ಮೀಟರ್ ಎತ್ತರ. ಕೆಳಗಿನ ಬಯಲಿನಿಂದ ಬರೋ ಹೊಳೆ ಆ ಬದಿಯನ್ನು ನೆಟ್ಟಗೆ ಹತ್ತಿ ಕೋಟೆಯ ಕೆರೆ ಸೇರುತ್ತದೆ. ಹೆಸರು ಏರುಹೊಳೆ.

ಚಿತ್ರದಲ್ಲಿ ಚೆಂದ ಇದೆ. ಆಡೋಕೆ ಕೂತರೆ ಕೆಡುತ್ತದೆ. ಒಬ್ಬ ಹೊಳೆಯಲ್ಲಿ ಕೊಡ ತುಂಬಿ ಆಚೆ ತಂದ. 'ಈಗ ಕೊಡ ಮೇಲಕ್ಕೆ ಹಾರುತ್ತಾ?' ಅಂದ. ಇನ್ನೊಬ್ಬ ಆನೆಗಳನ್ನು ತೆಪ್ಪದ ಮೇಲೆ ನಿಲ್ಲಿಸಿ ಸೈನ್ಯ ಸಮೇತ ಕೋಟೆಗೆ ಹೊರಟ. ಮೂರನೆಯವಳು ಎಲ್ಲರಿಗಿಂತ ಜಾಣೆ. ಕೆರೆಯ ನೀರನ್ನು ಇನ್ನೊಂದು ಬದಿಯಿಂದ ಕೆಳಗೆ ಬಿಟ್ಟು ಗಿರಣಿ ಹಾಕಿದಳು. ನೀರು ತಾನೇ ಹತ್ತುತ್ತೆ, ತಾನೇ ಬೀಳುತ್ತೆ, ಗಿರಣಿ ಪುಕ್ಕಟೆ ತಿರುಗುತ್ತೆ. 'ಅದು ಮಾಯೆ' ಅಂದರೆ ಯಾರೂ ಒಪ್ಪುವುದಿಲ್ಲ. ದಾರಿ ಹೇಳಿ.

ಕಾಗಿಣಾದಂಡೆ (ಸೇಡಂ):
ಮೊದಲು ಒಂದು ವಿಷಯ ಹೇಳಿ. ನೀರನ್ನು ಯಾವುದೋ ಶಕ್ತಿ ಕೆಳಗಿನಿಂದ ನೂಕುತ್ತಾ? ಅಥವಾ ಆ ಜಾಗದಲ್ಲಿ 'ಕೆಳಗೆ' ಅನ್ನೋ ದಿಕ್ಕೇ ಬೇರೆನಾ? ಎರಡರ ರೋಗವೂ ಬೇರೆ, ಮದ್ದೂ ಬೇರೆ.

ನೂಕುವುದಾದರೆ ತೆರೆದ ಹೊಳೆ ಆಗುವುದೇ ಇಲ್ಲ. ಪ್ರತಿ 10 ಮೀಟರ್ ಎತ್ತರಕ್ಕೆ ಸುಮಾರು ಒಂದು ವಾಯುಮಂಡಲದಷ್ಟು ಒತ್ತಡ ಬೇಕು. 100 ಮೀಟರಿಗೆ ಹತ್ತು ಪಟ್ಟು. ಆ ಒತ್ತಡವನ್ನು ತಡೆಯೋಕೆ ಮೇಲೊಂದು ಮುಚ್ಚಳ ಇಲ್ಲದಿದ್ದರೆ ನೀರು ಗುಡ್ಡ ಹತ್ತೋ ಬದಲು ಹೊಲಕ್ಕೆ ನುಗ್ಗುತ್ತದೆ. ಅಂಟಾರ್ಕ್ಟಿಕಾದ ಮಂಜುಗಡ್ಡೆ ಅಡಿಯಲ್ಲಿ ನೀರು ನಿಜವಾಗಿಯೂ ಏರು ನೆಲ ಹತ್ತಿ ಹರಿಯುತ್ತದೆ. ಅಲ್ಲಿ ಮೇಲಿನ ಮಂಜಿನ ಭಾರವೇ ನೂಕುತ್ತದೆ, ಅದೇ ಮುಚ್ಚಳವೂ ಹೌದು. ಕಾಂಬೋಡಿಯಾದ ತೋನ್ಲೆ ಸಾಪ್ ನದಿ ಮಳೆಗಾಲದಲ್ಲಿ ಹಿಂದಕ್ಕೆ ಹರಿಯುತ್ತೆ ನಿಜ, ಆದರೆ ಆಗ ಮೆಕಾಂಗ್ ನದಿಯ ಮಟ್ಟ ಮೇಲಿರುತ್ತದೆ. ಅದು ಏರೋದಲ್ಲ, ಇಳಿಜಾರೇ ತಿರುಗೋದು.

ಹತ್ತಿಬೆಳೆ (ಯಾದಗಿರಿ):
ಅಷ್ಟೆಲ್ಲ ಯಾಕೆ ಸರ, ಸೈಫನ್ ಅಂದುಬಿಡಿ ಸುಮ್ನೆ. ಡ್ರಮ್ಮಿನಿಂದ ಪೈಪಲ್ಲಿ ನೀರು ಎಳೆಯೋ ಹಾಗೆ.

ಕಾಗಿಣಾದಂಡೆ:
ಆಗಲ್ಲ ಅಣ್ಣಾ. ಸೈಫನ್ನಿನ ಹೊರಬಾಯಿ ಒಳಬಾಯಿಗಿಂತ ಕೆಳಗೇ ಇರಬೇಕು. ನಡುವಿನ ಏರು ಕೂಡ ಸುಮಾರು 10 ಮೀಟರ್ ದಾಟಲ್ಲ, ಬೀದರ್ ಎತ್ತರದಲ್ಲಿ ಇನ್ನೂ ಸ್ವಲ್ಪ ಕಮ್ಮಿ.

ಕೋಟೆಬಾಗಿಲು:
ಹಾಗಾದರೆ ದಿಕ್ಕು ಬೇರೆ ಅನ್ನೋದನ್ನೇ ಇಟ್ಟುಕೊಳ್ಳುತ್ತೇನೆ. ಆ ಬದಿಯಲ್ಲಿ 'ಕೆಳಗೆ' ಅಂದರೆ ಆಕಾಶದ ಕಡೆ. ಸರಿನಾ?

ಕಾಗಿಣಾದಂಡೆ:
ಇಲ್ಲೇ ಜಾಸ್ತಿ ಜನ ಎಡವೋದು. ನೇರ ಆಕಾಶದ ಕಡೆ ಇಟ್ಟರೆ ನಿಮ್ಮ ಹೊಳೆ ತಲೆಕೆಳಗಾದ ಜಲಪಾತ ಆಗುತ್ತೆ. ಗುಡ್ಡ ಬಿಟ್ಟು ಚಿಮ್ಮುತ್ತೆ. ಹೊಳೆಗೆ ತಳ ಬೇಕಲ್ವಾ? 'ಕೆಳಗೆ' ಅನ್ನೋದು ಗುಡ್ಡದ ಗೋಡೆಯ ಕಡೆ ಇರಲಿ, ಒಂದೇ ಒಂದು ಚೂರು ಮೇಲಕ್ಕೆ ವಾಲಿರಲಿ. ಆಗ ಗೋಡೆಯೇ ಹೊಳೆಯ ತಳ. ವಾಲಿದ್ದು ಎಷ್ಟೋ ಅಷ್ಟು ಓಟ. ನಿಮ್ಮ ನೌಬಾದಿನ ಕರೇಜ್ ನೋಡಿದ್ದೀರಲ್ಲ, ನೆಲದಡಿ ನೀರು ತರೋ ಸುರಂಗ, ಬಹಮನಿ ಕಾಲದ್ದು. ಆ ಸುರಂಗದ ಇಳಿಜಾರು ಕಣ್ಣಿಗೇ ಕಾಣಲ್ಲ, ಆದರೂ ನೀರು ಹರಿಯುತ್ತೆ. ಅಷ್ಟು ವಾಲಿದರೆ ಸಾಕು.

ಈ ನಿಯಮ ಎಷ್ಟು ದಪ್ಪದ ಪದರಕ್ಕೆ ಅನ್ನೋದನ್ನೂ ಈಗಲೇ ಬರೆದಿಡಿ. ಗೋಡೆಯಿಂದ ಸೊಂಟದಷ್ಟು ದೂರ ಅಂತಿಟ್ಟುಕೊಳ್ಳಿ. ಕೊಡದ ತಕರಾರು ಅಲ್ಲಿಗೇ ಮುಗೀತು. ನಿಯಮ ನೀರಿಗೆ ಅಂಟಿದ್ದಲ್ಲ, ಜಾಗಕ್ಕೆ ಅಂಟಿದ್ದು. ಆಚೆ ತಂದ ನೀರು ಬರೀ ನೀರು.

ಇನ್ನು ಆನೆ. ಅದು ತೆಪ್ಪದ ಮೇಲೆ ನಿಂತಾಗ ನಮಗೆ ಗೋಡೆಯಿಂದ ಅಡ್ಡಕ್ಕೆ ಚಾಚಿಕೊಂಡ ಹಾಗೆ ಕಾಣುತ್ತೆ. ಕಾಲು ಪದರದೊಳಗೆ, ಮೈ ಎಲ್ಲ ಹೊರಗೆ. ಹೊರಗಿನ ಭಾರವನ್ನು ನೆಲ ಎಳೆಯುತ್ತೆ. ಆನೆ ಬಗ್ಗಿ, ತೆಪ್ಪ ಮಗುಚಿ, ಇಡೀ ಸೈನ್ಯ ಬಯಲಿಗೆ ಬೀಳುತ್ತೆ. ಮನುಷ್ಯ ಅಂಗಾತ ಮಲಗಿದರೆ ಮಾತ್ರ ಮೇಲೆ ಹೋಗಬಹುದು. ಅದೂ ಮಳೆಗಾಲದಲ್ಲಿ ಬೇಡ. ಹೊಳೆ ತುಂಬಿ ಪದರಕ್ಕಿಂತ ಆಳ ಆದರೆ ಮೇಲಿನ ನೀರೆಲ್ಲ ಕಳಚಿ ಕೆಳಗೆ ಸುರಿಯುತ್ತೆ.

ಹತ್ತಿಬೆಳೆ:
ಮಲಗಿಕೊಂಡು ಕೋಟೆಗೆ ಮುತ್ತಿಗೆ ಹಾಕೋ ಸೈನ್ಯ! ನನಗೂ ಒಂದು ಜಾಗ ಇಡ್ರಿ.

ಕೋಟೆಬಾಗಿಲು:
ಎರಡು ಸಮಸ್ಯೆ ಹೋದವು. ಗಿರಣಿ?

ಕಾಗಿಣಾದಂಡೆ:
ಗಿರಣಿ ಹಾಕಿದವರು ಕೇಳಿದ್ದು ನ್ಯಾಯವಾಗಿದೆ. ಸೆಕೆಂಡಿಗೆ 1 ಘನ ಮೀಟರ್ ನೀರು 100 ಮೀಟರ್ ಬಿದ್ದರೆ ಸುಮಾರು 980 ಕಿಲೋವ್ಯಾಟ್. ನಮ್ಮ ಹೊಲದ 5 ಎಚ್‌ಪಿ ಮೋಟರ್ ಲೆಕ್ಕದಲ್ಲಿ ಹೇಳಿದರೆ 260ಕ್ಕೂ ಜಾಸ್ತಿ ಮೋಟರ್. ಏತ ನೀರಾವರಿಯವರು ಇಷ್ಟು ನೀರು ಎತ್ತೋಕೆ ಕರೆಂಟ್ ಬಿಲ್ ಕಟ್ಟುತ್ತಾರೆ. ನಿಮ್ಮ ಲೋಕದಲ್ಲಿ ಬಿಲ್ ಯಾರು ಕಟ್ಟೋದು?

ನನ್ನ ಸಲಹೆ: ಗುಡ್ಡ ಕಟ್ಟಲಿ. ಹತ್ತೋ ನೀರು ಗುಡ್ಡದ ಬಿಸಿಯನ್ನು ಹೀರಲಿ. 100 ಮೀಟರ್ ಬಿದ್ದ ನೀರು, ಏನೂ ಕೆಲಸ ಮಾಡದಿದ್ದರೆ, ಸುಮಾರು 0.23 ಡಿಗ್ರಿ ಬಿಸಿಯಾಗುತ್ತೆ. ಏರುವಾಗ ಅಷ್ಟೇ ಬಿಸಿಯನ್ನು ಕಲ್ಲಿನಿಂದ ತಗೊಳ್ಳುತ್ತೆ ಅಂತ ಇಡಿ. ಸಣ್ಣ ಸಂಖ್ಯೆ ಅನಿಸಬಹುದು, ಆದರೆ ಹಗಲು ರಾತ್ರಿ ನಡೆಯುತ್ತೆ. ಮೇ ತಿಂಗಳ ಬಿಸಿಲಲ್ಲೂ ಆ ಕೆಂಪು ಕಲ್ಲು ಮುಟ್ಟಿದರೆ ಬೆರಳು ಜುಮ್ ಅನ್ನಬೇಕು. ಗಿರಣಿ ಜಾಸ್ತಿ ಆಗಿ ಹೊಳೆಯನ್ನು ಅಗಲ ಮಾಡಿದಷ್ಟೂ ಗುಡ್ಡ ತಣ್ಣಗಾಗುತ್ತೆ. ಒಂದು ದಿನ ಹೊಳೆ ಗೋಡೆಯ ಮೇಲೇ ಹೆಪ್ಪುಗಟ್ಟುತ್ತೆ.

ಕೋಟೆಬಾಗಿಲು:
ಅಯ್ಯೋ, ಆಗ ಕೋಟೆಗೆ ಕುಡಿಯೋ ನೀರು?

ಕಾಗಿಣಾದಂಡೆ:
ಅದಕ್ಕೆ ಮಾಯೆ ಬೇಡವೇ ಬೇಡ. ನಿಮ್ಮೂರಲ್ಲಿ ಹೊಳೆ ಹತ್ತಿ ಬರಲಿಲ್ಲ, ಆದರೂ ಗುಡ್ಡದ ಮೇಲೆ ರಾಜಧಾನಿ ನಡೀತು. ಮಳೆ ನೀರು ಜಂಬಿಟ್ಟಿಗೆಯಲ್ಲಿ ಇಳಿದು ಅಡಿಯ ಕರಿಕಲ್ಲಿನ ಮೇಲೆ ನಿಲ್ಲುತ್ತೆ. ಕರೇಜ್ ತೋಡಿದವರು ಅದನ್ನೇ ಹಿಡಿದರು. ನಿಮ್ಮ ಕೋಟೆಗೂ ಒಂದು ಹಳೇ ಕರೇಜ್ ಇರಲಿ, ಹೂಳು ತುಂಬಿ ಎಲ್ಲರೂ ಮರೆತದ್ದು. ಹೂಳೆತ್ತೋಕೆ ಮೇಲಿನಿಂದ ಬಾವಿ ಥರ ಕಿಂಡಿಗಳಿರುತ್ತವೆ. ಮಲಗೋಕೆ ಒಪ್ಪದ ಸೈನಿಕರು ಅಲ್ಲಿಂದ ಬರಲಿ.

ಕೋಟೆಬಾಗಿಲು:
ನಿನ್ನೆ ಇದೇ ನಿಯಮ ಇಟ್ಟು ಆಡಿದೆವು. ಕೊಡದವನು ಸುಮ್ಮನಾದ. ಆನೆಯವನಿಗೆ ಸಿಟ್ಟು ಬಂದಿದೆ, ಇರಲಿ. ಗಿರಣಿಯವಳು ಹೊಸದೊಂದು ಕೇಳಿದಳು: ಹೊಳೆ ಹೆಪ್ಪುಗಟ್ಟಿದ ಮೇಲೆ ಆ ಮಂಜುಗಡ್ಡೆ ಎತ್ತ ಬೀಳುತ್ತೆ?

ಕಾಗಿಣಾದಂಡೆ:
ಪದರದೊಳಗೆ ಇರೋವರೆಗೂ ಗೋಡೆಗೆ ಅಂಟಿರುತ್ತೆ. ಅದಕ್ಕಿಂತ ದಪ್ಪ ಬೆಳೆದರೆ ಹೊರಗಿನ ಭಾಗ ಮುರಿದು ನೇರ ಕೆಳಗೆ. ಅವರ ಗಿರಣಿ ನಕ್ಷೆಯಲ್ಲಿ ಎಲ್ಲಿದೆ ಅಂತ ಒಮ್ಮೆ ನೋಡಿಕೊಳ್ಳಿ.

ಕೋಟೆಬಾಗಿಲು:
ಅದೇ ಬದಿಯ ಬುಡದಲ್ಲೇ ಗೋದಾಮು ಕಟ್ಟಿದ್ದಾಳೆ ರೀ. ಅವಳಿಗೆ ಈಗಲೇ ಹೇಳಲ್ಲ.