ನಾಳೆ ಬ್ಯಾಸ್ಕೆಟ್‌ಬಾಲ್ ವರ್ಲ್ಡ್‌ಕಪ್ಪಿನ ಜರ್ಮನಿ-ಸರ್ಬಿಯಾ ಫೈನಲ್ ಬೆಂಗಳೂರಲ್ಲಿ ಎಲ್ಲಿ ಕೂತು ನೋಡೋದು? ಮನೇಲಿರೋದು ಒಂದೇ ಟೀವಿ, ಅದೇ ಹೊತ್ತಿಗೆ ಇಂಡಿಯಾ-ಪಾಕ್

ಬಸವನಗುಡಿ_ಬಾಲರ್
ಶನಿವಾರ, 9 ಸೆಪ್ಟೆಂಬರ್ 2023

ನಿನ್ನೆ ಅಮೆರಿಕ-ಜರ್ಮನಿ ಸೆಮಿ ನೋಡಿದ ಗುಂಗು ಇನ್ನೂ ಇಳಿದಿಲ್ಲ ಗುರು. 113-111! ಆಫೀಸ್ ಕಾಲ್ ಮ್ಯೂಟ್ ಮಾಡ್ಕೊಂಡು ಟೇಬಲ್ ಕೆಳಗೆ ಫೋನ್ ಇಟ್ಕೊಂಡು ನೋಡ್ತಿದ್ದೆ, ಕೊನೇಲಿ ಜರ್ಮನಿಯ ಆ ಓಬ್ಸ್ಟ್ ತ್ರೀ (ದೂರದಿಂದ ಹೊಡೆಯೋ ಮೂರು ಪಾಯಿಂಟ್ ಶಾಟ್) ಎತ್ತಿದಾಗ "ಹೋಯ್ತು" ಅಂತ ಜೋರಾಗೇ ಅಂದ್ಬಿಟ್ಟೆ, ಪುಣ್ಯಕ್ಕೆ ಮ್ಯೂಟಲ್ಲಿತ್ತು. ಅಮೆರಿಕದ ದೊಡ್ಡ ಲೀಗ್ ಎನ್‌ಬಿಎಲಿ ಆಡೋನೂ ಅಲ್ಲ ಅವ್ನು, ಅಮೆರಿಕ ಮೇಲೆ 24 ಪಾಯಿಂಟ್ ಹೊಡ್ದ.

ಈಗ ವಿಷ್ಯಕ್ಕೆ ಬರ್ತೀನಿ. ಫೈನಲ್ ಮನಿಲಾ ಟೈಮ್ ರಾತ್ರಿ 8:40, ನಮಗೆ ಭಾನುವಾರ ಸಂಜೆ 6:10. ಇಷ್ಟು ಒಳ್ಳೆ ಟೈಮಿಗೆ ಬ್ಯಾಸ್ಕೆಟ್‌ಬಾಲ್ ಫೈನಲ್ ಸಿಗೋದೇ ಅಪರೂಪ, ಎನ್‌ಬಿಎ ನೋಡೋರಿಗೆ ಗೊತ್ತಲ್ಲ ಬೆಳಗ್ಗೆ ಆರಕ್ಕೆ ಅಲಾರಂ ಇಟ್ಟು ಏಳೋ ಕರ್ಮ. ಆದ್ರೆ ಅದೇ ದಿನ ಮೂರು ಗಂಟೆಗೆ ಕೊಲಂಬೋದಲ್ಲಿ ಏಷ್ಯಾ ಕಪ್ ಇಂಡಿಯಾ-ಪಾಕ್. ಮನೇಲಿ ಟೀವಿ ಒಂದೇ, ರಿಮೋಟ್ ಅಪ್ಪನ ಹತ್ರ, ಮ್ಯಾಚ್ ನೋಡೋಕಂತಾನೇ ನಮ್ಮ ಸೋದರಮಾವ ತುಮಕೂರಿಂದ ಬರ್ತಿದಾರೆ, ಅಮ್ಮ ಆಗ್ಲೇ ಮೆಣಸಿನಕಾಯಿ ತರ್ಸಿಟ್ಟಿದಾರೆ. ಅಲ್ಲಿ ಹೋಗಿ "ಅಪ್ಪಾ ಚಾನೆಲ್ ಚೇಂಜ್ ಮಾಡಿ" ಅನ್ನೋ ಧೈರ್ಯ ನಂಗಿಲ್ಲ.

ಎರಡು ಪಬ್‌ಗೆ ಫೋನ್ ಮಾಡ್ದೆ. ಒಬ್ಬ "ಬ್ಯಾಸ್ಕೆಟ್‌ಬಾಲಾ ಸರ್? ನಾಳೆನಾ?" ಅಂತ ನಕ್ಕ. ಇನ್ನೊಬ್ಬ ಮೂಲೇಲಿರೋ ಸಣ್ಣ ಸ್ಕ್ರೀನ್ ಕೊಡ್ತೀನಿ, ಸೌಂಡ್ ಬರಲ್ಲ, ಆದ್ರೆ ಕವರ್ ಚಾರ್ಜ್ ಫುಲ್ ಅಂದ.

ನಾವು ಆರು ಜನ. ಇಬ್ಬರು ಬರೀ ಎನ್‌ಬಿಎ ರೀಲ್ಸ್ ನೋಡೋರು, ವರ್ಲ್ಡ್‌ಕಪ್ ನಡೆಸೋ ಫೀಬಾ ರೂಲ್ಸ್ ಏನೂ ಗೊತ್ತಿಲ್ಲ. ಟೆರೇಸ್ ಮೇಲೆ ಪ್ರೊಜೆಕ್ಟರ್ ಹಾಕೋಣ್ವಾ ಅಂತ ಒಂದು ಐಡಿಯಾ ಇದೆ. ಮ್ಯಾಚ್ ಒಟ್ಟು ಎಷ್ಟು ಹೊತ್ತು ಹಿಡಿಯುತ್ತೆ, ಹೊಸಬರಿಗೆ ಮೊದ್ಲೇ ಏನೇನು ಹೇಳ್ಬೇಕು, ಯಾರಾದ್ರೂ ಹೀಗೆ ಮನೇಲಿ ಸೆಟಪ್ ಮಾಡಿದ್ರೆ ತಿಳಿಸಿ.

—

ಜಯನಗರದ_ಜೋಳದರೊಟ್ಟಿ

ಟೆರೇಸ್ ಪ್ರೊಜೆಕ್ಟರ್ ಐಡಿಯಾ ಬಿಟ್ಬಿಡಿ ಬಾಸ್. 6:10ಕ್ಕೆ ಇನ್ನೂ ಸೂರ್ಯ ಮುಳುಗಿರಲ್ಲ, ಫಸ್ಟ್ ಕ್ವಾರ್ಟರ್ ಪೂರ್ತಿ ಬಿಳಿ ಬೆಡ್‌ಶೀಟನ್ನೇ ನೋಡ್ಬೇಕಾಗುತ್ತೆ. ಹೋದ ವರ್ಷ ಫುಟ್‌ಬಾಲ್ ವರ್ಲ್ಡ್‌ಕಪ್‌ಗೆ ಬಾಡಿಗೆ ಪ್ರೊಜೆಕ್ಟರ್ ತಂದು ಟೆರೇಸಲ್ಲಿ ಹಾಕಿದ್ವಿ, ಪಕ್ಕದ ಮನೆ ಸಿಎಫ್‌ಎಲ್ ಬಲ್ಬು ನೇರ ಸ್ಕ್ರೀನ್ ಮೇಲೆ, ಹೋಗಿ ಆಂಟಿ ಹತ್ರ ರಿಕ್ವೆಸ್ಟ್ ಮಾಡ್ಕೊಂಡು ಆರಿಸಿದ್ದಾಯ್ತು, ಹತ್ತು ನಿಮಿಷಕ್ಕೆ ಅಂಕಲ್ ಬಂದು ಮತ್ತೆ ಹಾಕಿದ್ರು. ಸೆಪ್ಟೆಂಬರ್ ಮಳೆ ಬೇರೆ.

ಒಂದು ರೂಮ್ ಕಿಟಕಿಗೆ ಕಂಬಳಿ ಹೊದಿಸಿ, ಲ್ಯಾಪ್‌ಟಾಪಿಂದ ಎಚ್‌ಡಿಎಂಐ ಕೇಬಲ್, ಯಾರ ಮನೇಲಾದ್ರೂ ದೊಡ್ಡ ಮಾನಿಟರ್ ಇದ್ರೆ ಅದು. ಕೇಬಲ್ ಇವತ್ತೇ ಹಾಕಿ ಚೆಕ್ ಮಾಡಿ, ನಾಳೆ ಆರು ಗಂಟೆಗಲ್ಲ. ನನ್ನ ಕೇಸಲ್ಲಿ ಪಿಕ್ಚರ್ ಬಂತು, ಸೌಂಡ್ ಲ್ಯಾಪ್‌ಟಾಪಿಂದಾನೇ ಬರ್ತಿತ್ತು, ಸೆಟಿಂಗ್ಸಲ್ಲಿ ಔಟ್‌ಪುಟ್ ಬದ್ಲಾಯಿಸ್ಬೇಕು ಅಂತ ಗೊತ್ತಾಗೋ ಹೊತ್ತಿಗೆ ಒಂದು ಗೋಲ್ ಹೋಗಿತ್ತು.

ಇನ್ನೊಂದು, ಎಲ್ಲರ ಫೋನೂ ಒಂದು ಬುಟ್ಟೀಲಿ ಹಾಕ್ಸಿ. ಸ್ಟ್ರೀಮ್ ಹಿಂದೆ ಓಡುತ್ತೆ, ಸ್ಕೋರ್ ಆಪ್ ಮೊದ್ಲು ಹೇಳ್ಬಿಡುತ್ತೆ. ಫ್ರೀ ಥ್ರೋ ಹಾಕೋಕೆ ಮುಂಚೇನೇ ಒಬ್ಬ "ಮಿಸ್ಸು" ಅಂದ್ರೆ ಅವನನ್ನ ಏನ್ಮಾಡ್ಬೇಕು ಹೇಳಿ.

—

ಹುಬ್ಬಳ್ಳಿ_ಹೂಪ್

ನಾ ಇಪ್ಪತ್ತು ವರ್ಷ ಕಾಲೇಜ್ ಮ್ಯಾಚಿಗೆ ಸೀಟಿ ಊದೇನ್ರಿ, ಹೊಸಬ್ರಿಗೆ ಏನ್ ಹೇಳಬೇಕು ಅನ್ನೋದು ನಾ ಹೇಳ್ತೀನಿ. 10 ನಿಮಿಷದ ನಾಕು ಕ್ವಾರ್ಟರ್, ಎನ್‌ಬಿಎ ಗತೆ 12 ಅಲ್ಲ. ಹಿಂಗಾಗಿ ಎಂಟು ನಿಮಿಷದ ಆಟ ಕಮ್ಮಿ ಆಕ್ಕತಿ, ಹದಿನೈದು ಪಾಯಿಂಟ್ ಹಿಂದ್ ಬಿದ್ರ ಎದ್ದು ಬರೂದು ಭಾಳ ತ್ರಾಸ. ಹಾಫ್‌ಟೈಮ್ 15 ನಿಮಿಷ, ಎಲ್ಲಾ ಸೇರಿ ಎರಡು ತಾಸಿನ ಲೆಕ್ಕ ಇಟ್ಕೋರಿ, ಟೈ ಆದ್ರ 5 ನಿಮಿಷದ ಓವರ್‌ಟೈಮ್. ಐದನೇ ಫೌಲಿಗೆ ಪ್ಲೇಯರ್ ಹೊರಗ, ಎನ್‌ಬಿಎದಾಗ ಆರು. ಟೈಮ್‌ಔಟ್ ಕೋಚ್ ಅಷ್ಟ ಕೇಳಬೇಕು, ಪ್ಲೇಯರ್ ನಡುವ ಕೈ ಅಡ್ಡಹಿಡಿದು ಟಿ ಮಾಡಿದ್ರ ನಡಿಯಂಗಿಲ್ಲ.

ಎನ್‌ಬಿಎ ನೋಡಿದವ್ರು ಒದರೂದು ಎರಡು ಕಡೆ. ಒಂದು, ಡಿಫೆನ್ಸ್ ಮಾಡಾಂವ ರಿಂಗಿನ ಕೆಳಗ ಸುಮ್ನ ಮೂರು ಸೆಕೆಂಡಿಗಿಂತ ಹೆಚ್ಚು ನಿಲ್ಲಬಾರ್ದು ಅನ್ನೂ "ಡಿಫೆನ್ಸ್ ತ್ರೀ ಸೆಕೆಂಡ್" ರೂಲ ಇಲ್ಲಿಲ್ಲ. ಎತ್ತರದ ಮನಷ್ಯಾ ರಿಂಗಿನ ಕೆಳಗ ಕಂಬದ ಗತೆ ನಿಂತ ಬಿಡ್ತಾನ, ಡ್ರೈವ್ ಮಾಡಾಕ ದಾರೀನ ಇರಂಗಿಲ್ಲ, ಅದಕ್ಕ ಜರ್ಮನಿಯವ್ರು ಹೊರಗ ಪಾಸ್ ತಿರುಗಿಸಿ ತಿರುಗಿಸಿ ಶೂಟರ್ ಕೈಗೆ ಕೊಡೂದು. ಎರಡನೇದ್ದು, ಚೆಂಡು ರಿಂಗಿಗೆ ಬಡಿದ ಮ್ಯಾಲೆ ಯಾರ ಬೇಕಾದ್ರೂ ಬಡದ ಹಾಕಬಹುದು. ರಿಂಗಿನ ಮ್ಯಾಲೆ ಬಗರಿ ಗತೆ ತಿರಗಾಕತ್ತಿದ್ದ ಚೆಂಡನ್ನ ಸೆಂಟರ್ ಜಿಗಿದು ತಟ್ಟಿ ಬಿಟ್ರ ನಿಮ್ಮ ರೀಲ್ಸ್ ಗೆಳ್ಯಾರು "ಗೋಲ್‌ಟೆಂಡಿಂಗ್, ಗೋಲ್‌ಟೆಂಡಿಂಗ್" ಅಂತ ಎದ್ದು ನಿಲ್ತಾರ. ಕುಂದ್ರಸ್ರಿ ಅವ್ರನ್ನ. ಅದು ಲೀಗಲ್ ಐತಿ. ತ್ರೀ ಲೈನೂ ಸಮೀಪ, 6.75 ಮೀಟರ್, ಅಲ್ಲಿ 7.24.

ಆಮ್ಯಾಲೆ ನಾಳೆ ಎರಡು ಗಂಟೆಗೆ ಅಮೆರಿಕ-ಕೆನಡಾ ಮೂರನೇ ಸ್ಥಾನದ ಮ್ಯಾಚ್ ಐತಲ್ಲ, ಅದನ್ನ ಹಾಕಿ ನಿಮ್ಮ ಕೇಬಲ್ ಗೀಬಲ್ ಎಲ್ಲಾ ಪರೀಕ್ಷಾ ಮಾಡ್ರಿ.

—

ಮನಿಲಾದ_ಶಿವಮೊಗ್ಗಿ

ಇಲ್ಲಿ ಮೆಡಿಕಲ್ ಓದ್ತಿದೀನಿ, ಅಣ್ಣಾ ನಿಮ್ಮ ಪ್ರಾಬ್ಲಂ ಟೀವಿ, ನಮ್ಮ ಪ್ರಾಬ್ಲಂ ಟಿಕೆಟ್. ಫೈನಲ್ ನಡೆಯೋ ಮಾಲ್ ಆಫ್ ಏಷ್ಯಾ ಅರೀನಾ ಪಸಾಯ್ ಸಿಟೀಲಿದೆ, ಮೆಟ್ರೋ ಥರದ ರೈಲಲ್ಲಿ ಟಾಫ್ಟ್ ಕೊನೇ ಸ್ಟಾಪಿಗೆ ಬಂದು ಅಲ್ಲಿಂದ "ಎಂಓಎ, ಎಂಓಎ" ಅಂತ ಕೂಗ್ತಿರೋ ಜೀಪ್ನಿ ಹತ್ತಿದ್ರಾಯ್ತು. ಎಡ್ಸಾ ರೋಡಲ್ಲಿ ಟ್ಯಾಕ್ಸಿ ಮಾಡಿದ್ರೆ ಸಿಲ್ಕ್ ಬೋರ್ಡೇ ಪುಣ್ಯ ಅನ್ಸುತ್ತೆ.

ಇಲ್ಲಿ ಬ್ಯಾಸ್ಕೆಟ್‌ಬಾಲ್ ಅಂದ್ರೆ ನಮ್ಮಲ್ಲಿ ಕ್ರಿಕೆಟ್ ಇದ್ದಂಗೆ, ಸುಳ್ಳಲ್ಲ. ನಮ್ಮ ಹಾಸ್ಟೆಲ್ ಹಿಂದಿನ ಗಲ್ಲೀಲಿ ಲೈಟ್ ಕಂಬಕ್ಕೆ ಹಲಗೆ ಹೊಡ್ದು ರಿಂಗ್ ಹಾಕಿದಾರೆ, ನೆಟ್ ಇಲ್ಲ, ಹುಡುಗ್ರು ಹವಾಯಿ ಚಪ್ಲೀಲೇ ಆಡ್ತಾರೆ, ಟ್ರೈಸಿಕಲ್ ಬಂದ್ರೆ ಆಟ ನಿಲ್ಸಿ ದಾರಿ ಬಿಟ್ಟು ಮತ್ತೆ ಅದೇ ಜಾಗದಿಂದ ಶುರು. ಆಗಸ್ಟ್ 25ರ ಓಪನಿಂಗ್ ದಿನ ಬುಲಕಾನ್‌ನ ಫಿಲಿಪೀನ್ ಅರೀನಾಗೆ 38,115 ಜನ ಬಂದಿದ್ರು, ವರ್ಲ್ಡ್‌ಕಪ್ ರೆಕಾರ್ಡ್ ಅದು. ಇವ್ರ ಟೀಮ್ ಗಿಲಾಸ್ ಮಾತ್ರ ಸೋತು ಸೋತು ಕೊನೇಗೆ ಚೀನಾ ಮೇಲೆ 96-75 ಗೆದ್ರು, ಕ್ಲಾರ್ಕ್‌ಸನ್ 34 ಹೊಡ್ದ, ಅವತ್ತು ನಮ್ಮ ಮೆಸ್ ಆಂಟಿ ಎಲ್ಲರಿಗೂ ಎಕ್ಸ್‌ಟ್ರಾ ಅನ್ನ ಹಾಕಿದ್ರು.

ಟಿಕೆಟ್ ರೇಟ್ ನೋಡಿ ನಾವು ನಾಲ್ಕು ಜನ ಹಾಸ್ಟೆಲ್‌ನಲ್ಲೇ ನೋಡೋದು ಅಂತ ಡಿಸೈಡ್ ಮಾಡಿದೀವಿ. ನಮಗೆ ಸೋಮವಾರ ಅನಾಟಮಿ ಟೆಸ್ಟ್ ಬೇರೆ. ನಿಮ್ಮ ಹಾಗೆ ಸಂಜೆ ಆರಕ್ಕೆ ಅಲ್ಲ, ನಮಗೆ ಮುಗಿಯೋದೇ ಹತ್ತೂವರೆ ಮೇಲೆ.

—

ಮಂಗ್ಳೂರ್_ಟು_ಮ್ಯೂನಿಕ್
ಭಾನುವಾರ ಬೆಳಗ್ಗೆ

ಇಲ್ಲಿ ಟೂರ್ನಮೆಂಟ್ ಪೂರಾ ದುಡ್ಡು ಕೊಡುವ ಆಪ್‌ನಲ್ಲಿ ಇತ್ತು ಮಾರಾಯ್ರೆ, ಆಫೀಸಲ್ಲಿ ಅರ್ಧ ಜನಕ್ಕೆ ವರ್ಲ್ಡ್‌ಕಪ್ ನಡೀತಾ ಉಂಟು ಅಂತಲೇ ಗೊತ್ತಿರಲಿಲ್ಲ. ಸೆಮಿ ಗೆದ್ದ ಮೇಲೆ ಈಗ ಫೈನಲ್ ಝಡ್‌ಡಿಎಫ್ ಚಾನೆಲಲ್ಲಿ ಎಲ್ಲರಿಗೂ ಫ್ರೀ, ಮಧ್ಯಾಹ್ನ 2:40ಕ್ಕೆ. ನಿನ್ನೆ ರಾತ್ರಿ ಫುಟ್‌ಬಾಲ್ ಟೀಮ್ ವೋಲ್ಫ್ಸ್‌ಬರ್ಗಲ್ಲಿ ಜಪಾನ್ ಕೈಲಿ 4-1 ಹೊಡೆಸಿಕೊಂಡದ್ದು ನೋಡಿ ಎಲ್ಲರ ಮುಖ ಸಪ್ಪೆ. ಇವತ್ತು ಕೆಳಗಿನ ಮನೆಯ ಅಜ್ಜ ಬಂದು "ಬ್ಯಾಸ್ಕೆಟ್‌ಬಾಲಿಗೆ ಎಷ್ಟು ಜನ ಆಡುವುದು" ಅಂತ ಕೇಳಿದರು. ಅಷ್ಟರ ಮಟ್ಟಿಗೆ ಉಂಟು ಇಲ್ಲಿ.

ನೋಡುವ ಮೊದಲು ಇದೊಂದು ಗೊತ್ತಿರಲಿ, ಮಜಾ ಡಬಲ್ ಆಗ್ತದೆ. ಸರ್ಬಿಯಾದ ಕೋಚ್ ಪೆಶಿಚ್ ಉಂಟಲ್ಲ, 74 ವರ್ಷ, ಅವರೇ 1993ರಲ್ಲಿ ಜರ್ಮನಿಗೆ ಯೂರೋಬ್ಯಾಸ್ಕೆಟ್, ಅಂದರೆ ಯುರೋಪಿನ ಕಪ್, ಗೆಲ್ಲಿಸಿ ಕೊಟ್ಟದ್ದು! ಇವತ್ತಿನವರೆಗೆ ಜರ್ಮನಿಯ ದೊಡ್ಡ ಕಪ್ ಅಂತ ಇರುವುದು ಅದೊಂದೇ. ಇವರ ದೊಡ್ಡ ಸ್ಟಾರ್ ನೋವಿಟ್ಸ್ಕಿ ಇದ್ದಾಗಲೂ 2002ರ ವರ್ಲ್ಡ್‌ಕಪ್ಪಲ್ಲಿ ಕಂಚು ಅಷ್ಟೇ, ಆ ವರ್ಷ ಚಿನ್ನ ಗೆದ್ದದ್ದು ಯುಗೋಸ್ಲಾವಿಯಾ, ಅದರ ಕೋಚ್ ಯಾರು? ಪುನಃ ಇದೇ ಪೆಶಿಚ್. ಈಗ ಜರ್ಮನಿಗೂ ಚಿನ್ನಕ್ಕೂ ಮಧ್ಯೆ ಅವರೇ ನಿಂತಿದ್ದಾರೆ.

ಜರ್ಮನಿಯ ಶ್ರೋಡರ್ ಬಗ್ಗೆ ನನಗೆ ಹೆದರಿಕೆ ಉಂಟು. ಲಾಟ್ವಿಯಾ ಮೇಲೆ ಕ್ವಾರ್ಟರ್‌ಫೈನಲಲ್ಲಿ 26 ಶಾಟಲ್ಲಿ 4 ಹಾಕಿದ್ದು ಜನ, 81-79ಕ್ಕೆ ಹೇಗೋ ಬಚಾವ್. ಆದರೆ ಅವನು ಇಲ್ಲದೆ ಇದು ಟೀಮೇ ಅಲ್ಲ.

—

ಮಾಜಿ_ಪಾಯಿಂಟ್‌ಗಾರ್ಡ್

ಎಲ್ಲ ಜರ್ಮನಿ ಜರ್ಮನಿ ಅಂತಿದೀರಿ, ನಾನು ಸರ್ಬಿಯಾ ಕಡೆ. ಅವರ ದೊಡ್ಡ ಪ್ಲೇಯರ್‌ಗಳು ಯೋಕಿಚ್ ಬಂದಿಲ್ಲ, ಮಿಸಿಚ್ ಬಂದಿಲ್ಲ, ಆದ್ರೂ ಕೆನಡಾನ 95-86 ಹೊಡ್ದು ಫೈನಲಿಗೆ ಬಂದಿದಾರೆ. ಸಿಮಾನಿಚ್ ಅನ್ನೋ ಹುಡುಗನಿಗೆ ದಕ್ಷಿಣ ಸುಡಾನ್ ಮ್ಯಾಚಲ್ಲಿ ಮೊಣಕೈ ತಾಗಿ, ಮನಿಲಾದಲ್ಲೇ ಆಪರೇಷನ್ ಮಾಡಿ ಒಂದು ಕಿಡ್ನಿನೇ ತೆಗೆದ್ರು. ಆಟದಲ್ಲಿ ಮೊಣಕೈ ತಗಲೋದು ನಾವೂ ದಿನಾ ತಿಂದಿದೀವಿ, ಹೀಗಾಗುತ್ತೆ ಅಂತ ಯಾರು ಅಂದ್ಕೊಂಡಿದ್ರು. ಆ ಟೀಮ್ ಅವನಿಗೋಸ್ಕರ ಆಡ್ತಿದೆ ಅಂತ ನಂಗನ್ಸುತ್ತೆ.

ಇನ್ನು ಬೆಂಗಳೂರಲ್ಲಿ ಬ್ಯಾಸ್ಕೆಟ್‌ಬಾಲಿಗೆ ಜನ ಸೇರಲ್ಲ ಅನ್ನೋರಿಗೆ ಒಂದ್ಮಾತು. 2017ರ ಜುಲೈಲಿ ಕಂಠೀರವ ಇಂಡೋರಲ್ಲಿ ನಮ್ಮ ಹೆಣ್ಮಕ್ಕಳ ಟೀಮ್ ಏಷ್ಯಾ ಕಪ್ ಬಿ ಡಿವಿಷನ್ ಫೈನಲಲ್ಲಿ ಕಜಕಿಸ್ತಾನ್ ಮೇಲೆ 75-73ಕ್ಕೆ ಗೆದ್ದಾಗ ನಾನಲ್ಲಿದ್ದೆ. ಮಗಳನ್ನ ತೊಡೆ ಮೇಲೆ ಕೂರಿಸ್ಕೊಂಡು ಹೋದೋಳು ಕೊನೇ ನಿಮಿಷದಲ್ಲಿ ಅವಳನ್ನ ಪಕ್ಕದ ಸೀಟಿನೋರ ಕೈಗೆ ಕೊಟ್ಟು ಎದ್ದು ನಿಂತು ಕೂಗ್ತಿದ್ದೆ, ಅವರ್ಯಾರು ಅಂತ ಇವತ್ತಿಗೂ ಗೊತ್ತಿಲ್ಲ.

ಬಸವನಗುಡಿಯೋರೇ, ನಿಮ್ಮ ಟೀವಿ ಪ್ರಾಬ್ಲಂಗೆ ಸುಲಭದ ದಾರಿ ಹೇಳ್ತೀನಿ. ಕೊಲಂಬೋದಲ್ಲಿ ಮಳೆ ಅಂತ ಫೋರ್‌ಕಾಸ್ಟ್ ಇದೆ, ಈ ಒಂದು ಮ್ಯಾಚಿಗೆ ಅಂತಾನೇ ರಿಸರ್ವ್ ಡೇ ಬೇರೆ ಇಟ್ಟಿದಾರೆ. ಕೇಬಲ್ ರೆಡಿ ಇಟ್ಕೊಂಡು ಹಾಲಲ್ಲೇ ಸುಮ್ನೆ ಕೂತಿರಿ. ಜಗಳ ಬೇಡ. ಮತ್ತೆ ಬರೋರಿಗೆಲ್ಲ ಹೇಳಿ, ನಾಳೆ ಸೋಮವಾರ ಖಾಸಗಿ ಸಾರಿಗೆ ಬಂದ್, ಇವತ್ತು ರಾತ್ರಿ 12ರಿಂದ ಆಟೋ ಕ್ಯಾಬ್ ಸಿಗಲ್ಲ, ಮ್ಯಾಚ್ ಮುಗಿದ್ಮೇಲೆ ಹರಟೆ ಹೊಡೀತಾ ಕೂರ್ಬೇಡಿ.

—

ಬಸವನಗುಡಿ_ಬಾಲರ್
ಸೋಮವಾರ ರಾತ್ರಿ

ಮಾಜಿ ಪಾಯಿಂಟ್‌ಗಾರ್ಡ್ ಅಕ್ಕಾ, ನಿಮ್ಮ ಬಾಯಿಗೆ ಸಕ್ಕರೆ ಹಾಕ್ಬೇಕು!

ಎರಡು ಗಂಟೆಗೆ ರೂಮಲ್ಲಿ ಮಾನಿಟರ್ ಹಾಕಿ ಕೆನಡಾ-ಅಮೆರಿಕ ಇಟ್ವಿ, ಜೋಳದರೊಟ್ಟಿ ಹೇಳಿದ ಸೌಂಡ್ ಪ್ರಾಬ್ಲಂ ನಮಗೂ ಬಂತು, ಟೈಮಿತ್ತು, ಸರಿ ಮಾಡ್ಕೊಂಡ್ವಿ. ಆ ಮ್ಯಾಚೇ ಒಂದು ಸಿನಿಮಾ. ಅಮೆರಿಕದ ಬ್ರಿಡ್ಜಸ್ ಬೇಕಂತಲೇ ಫ್ರೀ ಥ್ರೋ ಮಿಸ್ ಮಾಡಿ, ತಾನೇ ಚೆಂಡು ಎತ್ಕೊಂಡು, ಕಾರ್ನರಿಗೆ ಹೋಗಿ ತ್ರೀ ಹಾಕಿ ಓವರ್‌ಟೈಮಿಗೆ ತಗೊಂಡೋದ. ಆದ್ರೂ ಗೆದ್ದಿದ್ದು ಕೆನಡಾನೇ 127-118, ಅವರ ಬ್ರೂಕ್ಸ್ 39 ಪಾಯಿಂಟ್.

ಅತ್ತ ಹಾಲಲ್ಲಿ ರೋಹಿತ್-ಗಿಲ್ ಇಬ್ಬರದ್ದೂ ಫಿಫ್ಟಿ, ಮಾವ ಫುಲ್ ಖುಷಿ, ಐದು ಗಂಟೆ ಆಗೋದ್ರೊಳಗೆ ಮಳೆ. 24.1 ಓವರ್, 147ಕ್ಕೆ 2. ಟೀವೀಲಿ ಕವರ್ ಎಳೆಯೋದು, ಆಮೇಲೆ ಫ್ಯಾನ್ ಇಟ್ಟು ಗ್ರೌಂಡ್ ಒಣಗಿಸೋದು. ಅಪ್ಪ ಅದನ್ನೂ ಅರ್ಧ ಗಂಟೆ ಗಮನ ಇಟ್ಟು ನೋಡಿದ್ರು. 6:05ಕ್ಕೆ ನಾನು ಬಜ್ಜಿ ತಟ್ಟೆ ಹಿಡ್ಕೊಂಡು ಹೋಗಿ ಮೆಲ್ಲಗೆ "ಮಳೆ ನಿಲ್ಲೋವರ್ಗೂ ಇಲ್ಲಿ ಹಾಕ್ಲಾ" ಅಂದೆ. ಮಾತಿಲ್ಲ, ರಿಮೋಟ್ ಟೀಪಾಯ್ ಮೇಲಿಟ್ರು.

ಹಾಫ್‌ಟೈಮ್ 47-47. ಅಲ್ಲಿವರ್ಗೂ ಮಾವ ಹತ್ತು ನಿಮಿಷಕ್ಕೊಂದ್ಸಲ "ಒಮ್ಮೆ ಕೊಲಂಬೋ ಹಾಕಪ್ಪ" ಅಂತಿದ್ರು, ನಾವು ಹಾಕಿ ಪಿಚ್ ನೋಡಿ ವಾಪಸ್. ಮೂರನೇ ಕ್ವಾರ್ಟರಲ್ಲಿ ಜರ್ಮನಿ 22 ಹಾಕಿ ಸರ್ಬಿಯಾಗೆ ಹತ್ತೇ ಕೊಟ್ರು, ಹುಬ್ಬಳ್ಳಿ ಸರ್ ಹೇಳಿದ ಕಂಬದ ಕಥೆ ಕಣ್ಣಾರೆ ನೋಡಿದ್ವಿ, ಒಳಗೆ ಹೋಗೋಕೆ ಜಾಗಾನೇ ಇಲ್ಲ. ಮುಗೀತು ಅಂದ್ಕೊಂಡ್ರೆ ಸರ್ಬಿಯಾದ ಅವ್ರಮೊವಿಚ್ ಹಾಕೋಕೆ ಶುರು ಮಾಡ್ದ, ಕೊನೇ ನಿಮಿಷದಲ್ಲಿ ಗ್ಯಾಪ್ ಎರಡೇ ಪಾಯಿಂಟ್. ಅಲ್ಲಿ ಶ್ರೋಡರ್ ಒಬ್ಬನೇ ಡ್ರಿಬಲ್ ಮಾಡ್ತಾ ಕಾಲ ಕಳೆದು, ಸೀದಾ ನುಗ್ಗಿ ಬೋರ್ಡಿಗೆ ಹೊಡ್ದು ಒಳಗೆ ಹಾಕ್ದ ನೋಡಿ, ಅಪ್ಪ ತೊಡೆ ತಟ್ಟಿಬಿಟ್ರು. ಬ್ಯಾಸ್ಕೆಟ್‌ಬಾಲ್ ನೋಡಿ ಅಪ್ಪ ತೊಡೆ ತಟ್ಟಿದ್ದು ನಾನು ಹುಟ್ಟಿದ್ಮೇಲೆ ಮೊದಲ ಸಲ. 83-77. ಶ್ರೋಡರ್ 28, ಟೂರ್ನಿ ಎಂವಿಪಿ (ಬೆಸ್ಟ್ ಪ್ಲೇಯರ್) ಕೂಡ ಅವನೇ. ಮ್ಯೂನಿಕ್ ಗುರುಗಳೇ ಎಲ್ಲಿದೀರಿ?

ಹನ್ನೊಂದಕ್ಕೆಲ್ಲ ಎಲ್ಲರನ್ನೂ ಆಟೋ ಹತ್ತಿಸಿ ಕಳಿಸ್ದೆ. ಇವತ್ತು ಬಂದ್ ನೆಪದಲ್ಲಿ ವರ್ಕ್ ಫ್ರಮ್ ಹೋಮ್, ಮಾವನೂ ಇಲ್ಲೇ ಉಳ್ಕೊಂಡ್ರು, ನಮ್ಮ ರಾಹುಲ್ ಸೆಂಚುರಿ, ಕೊಹ್ಲಿ ಸೆಂಚುರಿ, ರಿಮೋಟ್ ಮತ್ತೆ ಅಪ್ಪನ ಕೈಲಿ.

—

ಮಂಗ್ಳೂರ್_ಟು_ಮ್ಯೂನಿಕ್

ಇಲ್ಲೇ ಇದ್ದೇನೆ ಮಾರಾಯ್ರೆ, ಸ್ವರ ಕೂತಿದೆ ಅಷ್ಟೆ. ಎಂಟು ಮ್ಯಾಚ್, ಎಂಟೂ ಗೆಲುವು! ಅದೇ ಸಂಜೆ ಫುಟ್‌ಬಾಲ್ ಕೋಚ್ ಫ್ಲಿಕ್‌ನನ್ನು ತೆಗೆದರು, ಕೆಳಗಿನ ಅಜ್ಜನಿಗೆ ಯಾವುದಕ್ಕೆ ಖುಷಿ ಪಡುವುದು ಅಂತಲೇ ಗೊತ್ತಾಗಲಿಲ್ಲ.

—

ಹುಬ್ಬಳ್ಳಿ_ಹೂಪ್

ಮುಂದಿನ ವರ್ಲ್ಡ್‌ಕಪ್ 2027, ದೋಹಾದಾಗ. ಅಲ್ಲಿ ಟೈಮ್ ನಮಗಿಂತ ಎರಡೂವರೆ ತಾಸ್ ಹಿಂದ. ದೋಹಾದಾಗ ಇರೂ ಕನ್ನಡದವ್ರು ಯಾರರ ಇದನ್ನ ಓದಾಕತ್ತಿದ್ರ ಈಗಿಂದ್ಲ ಒಂದು ಖೋಲಿ ಹಿಡದ ಇಡ್ರಿ, ನಾ ಸೀಟಿ ತಗೊಂಡ ಬರ್ತೀನಿ.